ಗುಡಿ ಪಕ್ಕ ಬಸವ ನಿಂತರೆ ‘ವಿಶೇಷ’: ಕಾಂಜಿ ಕಲಿತ ನನ್ನ ಅನುಭವ

ಅ, ಇ, ಉ, ಎ, ಒ. ಆಮೇಲೆ ಕ, ಕಿ, ಕು, ಕೆ, ಕೊ. ಜಪಾನೀಸ್ ಕಲಿಯಲು ಕೂತ ಕನ್ನಡದವರಿಗೆ ಮೊದಲ ಪಾಠ ಗೊತ್ತಿರುವ ಪಾಠವೇ. ಸ್ವರ ಮೊದಲು, ವ್ಯಂಜನ ಆಮೇಲೆ. ಕ, ಸ, ತ, ನ, ಹ, ಮ, ಯ, ರ, ವ ಅಂತ ಸಾಲು. ಇದು ಸುಮ್ನೆ ಹೊಂದಿಕೆಯಾದದ್ದಲ್ಲ. ಸಿದ್ಧಂ ಲಿಪಿಯಲ್ಲಿ ಸಂಸ್ಕೃತ ಮಂತ್ರ ಓದುತ್ತಿದ್ದ ಬೌದ್ಧ ಭಿಕ್ಷುಗಳ ಮೂಲಕ ನಮ್ಮ ಕಡೆಯ ವರ್ಣಮಾಲೆಯ ಕ್ರಮ ಜಪಾನಿಗೆ ಹೋಯಿತು. ಹಾಗಾಗಿ ಕ್ರಮವನ್ನು ಬಾಯಿಪಾಠ ಮಾಡುವ ಕೆಲಸ ನಮಗಿಲ್ಲ. ಕಷ್ಟ ಇರುವುದೆಲ್ಲ ಆಕಾರದಲ್ಲಿ.

ನಾನು ಟೋಕಿಯೋದ ನಿಶಿ-ಕಸಾಯ್‌ನಲ್ಲಿ ಇದ್ದೇನೆ. ಇಲ್ಲಿ ಭಾರತೀಯರು ಜಾಸ್ತಿ. ಕೊತ್ತಂಬರಿ ಸೊಪ್ಪಿಗೂ ಬೇಳೆಗೂ ಜಪಾನೀಸ್ ಬೇಕಾಗಿಲ್ಲ. ಆದರೆ ವಾರ್ಡ್ ಕಚೇರಿಯ ಅರ್ಜಿಗೆ, ಅಂಚೆಗೆ, ಮಗುವಿನ ಶಾಲೆಯ ಚೀಟಿಗೆ ಬೇಕು. ಮಾತಾಡುವುದು ಹೇಗೋ ಬಂತು. ಪೆನ್ನು ಕೈಗೆ ಬಂದಾಗ ಮಾತ್ರ ಏನೂ ಹೊಳೆಯುತ್ತಿರಲಿಲ್ಲ. ಅದಕ್ಕೇ ನೆನಪಿನ ಉಪಾಯಗಳನ್ನು ಹಿಡಿದುಕೊಂಡೆ.

ಜಪಾನೀಸ್‌ಗೆ ಮೂರು ಲಿಪಿ. ಉಚ್ಚಾರ ಬರೆಯುವ ಹಿರಗಾನಾ, ಹೆಚ್ಚಾಗಿ ಹೊರಗಿನ ಪದಗಳಿಗೆ ಬಳಸುವ ಕತಾಕಾನಾ, ಮತ್ತು ಚೀನಾದಿಂದ ಬಂದ, ಒಂದೊಂದಕ್ಕೂ ಅರ್ಥ ಇರುವ ಕಾಂಜಿ. ಮೊದಲು ಹಿರಗಾನಾ, 46 ಅಕ್ಷರ. ಇಲ್ಲಿ ಕಾಗುಣಿತ ಇಲ್ಲ. ನಮ್ಮಲ್ಲಿ ‘ಕ’ ಗೊತ್ತಿದ್ದರೆ ‘ಕಿ’, ‘ಕು’ ತಾವಾಗೇ ಬರುತ್ತವೆ. ಅಲ್ಲಿ ಕ, ಕಿ, ಕು ಮೂರಕ್ಕೂ ಮೂರು ಬೇರೆ ಬೇರೆ ಚಿತ್ರ, ಒಂದಕ್ಕೊಂದು ಸಂಬಂಧವೇ ಇಲ್ಲ. ಒಂದು ಸಮಾಧಾನ ಏನೆಂದರೆ ಎರಡು ಚಿಕ್ಕ ಗೀಟು ಹಾಕಿದರೆ ‘ಕ’ ಹೋಗಿ ‘ಗ’ ಆಗುತ್ತದೆ, ‘ತ’ ಹೋಗಿ ‘ದ’ ಆಗುತ್ತದೆ. ಉಳಿದದ್ದಕ್ಕೆ ಚಿತ್ರವೇ ಗತಿ.

ಚಿತ್ರಗಳನ್ನು ಕನ್ನಡದ ಪದಗಳಿಂದಲೇ ಕಟ್ಟಿದೆ. ‘ಕು’ ಅಕ್ಷರ ತೆರೆದ ಕೊಕ್ಕಿನ ಹಾಗೆ ಇದೆ. ಹಕ್ಕಿ ಕುಕ್ಕುತ್ತದೆ, ‘ಕು’. ‘ಶಿ’ ಮೇಲಿಂದ ಇಳಿದು ತುದಿಯಲ್ಲಿ ಮೇಲಕ್ಕೆ ಸುರುಳಿಯಾಗುವ ಒಂದೇ ಗೆರೆ. ಅದು ಶಿವನ ಜಟೆಯ ಒಂದು ಎಳೆ. ‘ತೆ’ ಅಂದರೆ ಬಾಗಿದ ತೆಂಗಿನ ಮರ, ಮೇಲೆ ಒಂದೇ ಗರಿ. ‘ಹಿ’ ಕಿವಿವರೆಗೂ ಹರಿದ ಬಾಯಿ, ‘ಹಿಹಿಹಿ’ ಅಂತ ನಗುತ್ತಿದೆ. ‘ನೊ’ ಒಂದು ನೊಣ ಗಿರಕಿ ಹೊಡೆದ ದಾರಿ. ಇಷ್ಟು ಸುಲಭವಾಗಿ ಎಲ್ಲದಕ್ಕೂ ಸಿಗುವುದಿಲ್ಲ. ಸಿಗದಿದ್ದವನ್ನು ಬರೆದು ಬರೆದೇ ಕಲಿತೆ, ಅದೂ ಸರಿಯೇ.

ಗೋಳು ಕೊಡುವುದು ಜೋಡಿಗಳು. ‘ನು’ ಮತ್ತು ‘ಮೆ’ ನೋಡಲು ಒಂದೇ, ಆದರೆ ‘ನು’ ಕೊನೆಯಲ್ಲಿ ಒಂದು ಕುಣಿಕೆ ಇದೆ. ‘ನೆ’, ‘ರೆ’, ‘ವ’ ಮೂರೂ ಒಂದೇ ತರ, ಕುಣಿಕೆ ‘ನೆ’ಗೆ ಮಾತ್ರ. ನೂಲಿನ ಗಂಟು, ನೇಣಿನ ಕುಣಿಕೆ ಅಂತ ಇಟ್ಟುಕೊಂಡೆ. ಎರಡನೆಯದು ಸ್ವಲ್ಪ ಭಯಂಕರ, ಆದರೆ ಇವತ್ತಿಗೂ ಮರೆತಿಲ್ಲ. ಕೆಟ್ಟ ಚಿತ್ರ, ತಮಾಷೆ ಚಿತ್ರ, ಅಸಹ್ಯದ ಚಿತ್ರ ಇವೇ ತಲೆಯಲ್ಲಿ ಉಳಿಯುವುದು. ಸಭ್ಯ ಚಿತ್ರಗಳು ಬೆಳಗಾಗುವಷ್ಟರಲ್ಲಿ ಹೊರಟುಹೋಗುತ್ತವೆ.

ಕತಾಕಾನಾದಲ್ಲಿ ‘ಶಿ’, ‘ತ್ಸು’, ‘ಸೊ’, ‘ನ್’ ನಾಲ್ಕೂ ಸೇರಿ ಎಲ್ಲರನ್ನೂ ಅಳಿಸುತ್ತವೆ. ಒಂದೆರಡು ಚಿಕ್ಕ ಗೀಟು, ಒಂದು ಉದ್ದ ಗೀಟು, ಅಷ್ಟೇ. ಗುಟ್ಟು ಇರುವುದು ಉದ್ದ ಗೀಟು ಎತ್ತ ಹೋಗುತ್ತದೆ ಅನ್ನುವುದರಲ್ಲಿ. ಹಿರಗಾನಾದ ‘ಶಿ’ ಕೊನೆಗೆ ಮೇಲಕ್ಕೆ ಹೋಗುತ್ತದೆ, ಕತಾಕಾನಾದ ‘ಶಿ’ ಕೂಡ ಕೆಳಗಿಂದ ಮೇಲಕ್ಕೆ. ಹಿರಗಾನಾದ ‘ತ್ಸು’ ಕೆಳಕ್ಕೆ ಬಾಗುತ್ತದೆ, ಕತಾಕಾನಾದ್ದೂ ಮೇಲಿಂದ ಕೆಳಕ್ಕೆ. ‘ಸೊ’ ಅಂದರೆ ಸೋರುವುದು, ನೀರು ಮೇಲಿಂದಲೇ ಸೋರಬೇಕು. ಉಳಿದದ್ದು ‘ನ್’, ಅದು ಮೇಲಕ್ಕೆ. ಕೈಯಿಂದ ಬರೆದವರಿಗೆ ಈ ಗೊಂದಲ ಬೇಗ ಹೋಗುತ್ತದೆ. ಬರೀ ಪರದೆ ನೋಡಿ ಕಲಿತವರು ವರ್ಷಗಟ್ಟಲೆ ಒದ್ದಾಡುವುದನ್ನು ನೋಡಿದ್ದೇನೆ.

ಇನ್ನು ಕಾಂಜಿ. ದಿನಬಳಕೆಗೆ ಅಂತ ಸರ್ಕಾರ ಗುರುತಿಸಿರುವ ಪಟ್ಟಿಯಲ್ಲಿ 2010ರಿಂದ 2,136 ಅಕ್ಷರಗಳಿವೆ. ಅದರಲ್ಲಿ 1,026 ಅನ್ನು ಮಕ್ಕಳು ಪ್ರಾಥಮಿಕ ಶಾಲೆಯ ಆರು ವರ್ಷದಲ್ಲೇ ಕಲಿಯುತ್ತಾರೆ. ಒಂದನೇ ತರಗತಿಗೆ 80.

ಶುರು ಮಾಡಲು ನಮಗೊಂದು ಒಳದಾರಿ ಇದೆ, ವಾರದ ದಿನಗಳು. ಸೂರ್ಯ, ಚಂದ್ರ, ಬೆಂಕಿ, ನೀರು, ಮರ, ಚಿನ್ನ, ಮಣ್ಣು. ಭಾನುವಾರ ಸೂರ್ಯ, ಸೋಮವಾರ ಚಂದ್ರ. ಮಂಗಳ ಗ್ರಹಕ್ಕೆ ಜಪಾನೀಸ್‌ನಲ್ಲಿ ಬೆಂಕಿಯ ನಕ್ಷತ್ರ, ಬುಧನಿಗೆ ನೀರಿನದು, ಗುರುವಿಗೆ ಮರದ್ದು, ಶುಕ್ರನಿಗೆ ಚಿನ್ನದ್ದು, ಶನಿಗೆ ಮಣ್ಣಿನದು. ನವಗ್ರಹದ ಹೆಸರು ಗೊತ್ತಿದ್ದರೆ ಏಳು ಕಾಂಜಿ ಕ್ರಮ ಸಮೇತ ಬಂದ ಹಾಗೇ. ಶನಿ ಮಹಾತ್ಮ ಮಣ್ಣು ತಿನ್ನಿಸುತ್ತಾನೆ, ಮಂಗಳ ಕೆಂಪಗೆ ಉರಿಯುತ್ತಾನೆ, ಶುಕ್ರದೆಸೆ ಬಂದರೆ ಚಿನ್ನ. ಇನ್ನೇನು ಬೇಕು?

ಈ ಏಳೂ ಬೇರೆ ಅಕ್ಷರಗಳ ಒಳಗೆ ತುಂಡುಗಳಾಗಿ ಬರುತ್ತವೆ. ಸೂರ್ಯ ಚಂದ್ರ ಪಕ್ಕಪಕ್ಕ ನಿಂತರೆ ಬೆಳಕು. ಎರಡು ಮರ ತೋಪು, ಮೂರು ಮರ ಕಾಡು. ಮರಕ್ಕೆ ಮನುಷ್ಯ ಒರಗಿದರೆ ವಿಶ್ರಾಂತಿ. ಕಾಂಜಿಯನ್ನು ಗೆರೆಗಳ ಗುಂಪು ಅಂತ ನೋಡಬೇಡಿ, ತುಂಡುಗಳ ಗುಂಪು ಅಂತ ನೋಡಿ. ಇಪ್ಪತ್ತು ಗೆರೆ ನೆನಪಿಡಲು ಆಗುವುದಿಲ್ಲ. ಮೂರು ತುಂಡು ಆಗುತ್ತದೆ.

ತುಂಡುಗಳಿಗೆ ಕಥೆ ಕಟ್ಟುವ ವಿಧಾನ ಹೊಸದೇನಲ್ಲ. ಇಂಗ್ಲಿಷಿನಲ್ಲಿ ಸಾವಿರಾರು ಕಥೆಗಳು ಸಿದ್ಧವಾಗಿ ಸಿಗುತ್ತವೆ. ಅವುಗಳಲ್ಲಿ ಬೇಸ್‌ಬಾಲ್ ಬರುತ್ತದೆ, ಕೌಬಾಯ್ ಬರುತ್ತಾನೆ. ಓದುವಾಗ ಚೆನ್ನಾಗಿರುತ್ತವೆ, ನನಗಂತೂ ವಾರದ ನಂತರ ಒಂದೂ ಉಳಿಯುತ್ತಿರಲಿಲ್ಲ. ಕಥೆ ನಮ್ಮ ಬೀದಿಯಲ್ಲಿ, ನಮ್ಮ ಭಾಷೆಯಲ್ಲಿ ನಡೆದರೆ ಮಾತ್ರ ಅದನ್ನು ಮತ್ತೆ ನೆನೆಯಲು ಬೇರೆ ಶ್ರಮ ಬೇಕಾಗುವುದಿಲ್ಲ. ಈ ವಿಷಯದಲ್ಲಿ ನನ್ನ ಅಭಿಪ್ರಾಯ ಗಟ್ಟಿ. ಬೇರೆಯವರ ಕಥೆಯನ್ನು ನೋಡಿ, ಆದರೆ ನಿಮ್ಮದನ್ನೇ ಬರೆದುಕೊಳ್ಳಿ.

‘ಅಕ್ಷರ’ ಅನ್ನುವ ಕಾಂಜಿಯನ್ನೇ ತಗೊಳ್ಳಿ. ಮೇಲೆ ಸೂರು, ಕೆಳಗೆ ಮಗು. ನನಗೆ ಕಾಣುವುದು ತಟ್ಟೆಯ ಅಕ್ಕಿಯಲ್ಲಿ ‘ಅ’ ತಿದ್ದುತ್ತಿರುವ ಮಗು, ಅಕ್ಷರಾಭ್ಯಾಸದ ದಿನ. ಒಮ್ಮೆ ಕಂಡರೆ ಆಯಿತು.

ಕೆಲವು ತುಂಡು ಹತ್ತಾರು ಅಕ್ಷರಗಳಲ್ಲಿ ಬರುತ್ತವೆ. ಅಂಥ ತುಂಡಿಗೆ ಒಂದು ಊರು, ಒಂದು ಜಾಗ ಕೊಟ್ಟುಬಿಟ್ಟೆ. ಗೊತ್ತಿರುವ ಜಾಗದಲ್ಲಿ ನೆನಪನ್ನು ಇಟ್ಟು ಬರುವ ಉಪಾಯ ತುಂಬ ಹಳೆಯದು. ಗ್ರೀಕರು, ರೋಮನ್ನರು ಭಾಷಣ ನೆನಪಿಡಲು ಇದನ್ನೇ ಮಾಡುತ್ತಿದ್ದರು. ‘ಗುಡಿ’ ಅನ್ನುವ ತುಂಡಿಗೆ ನಾನು ಕೊಟ್ಟ ಜಾಗ ಬಸವನಗುಡಿಯ ದೊಡ್ಡ ಬಸವಣ್ಣನ ದೇವಸ್ಥಾನ. ಕಾರ್ತಿಕದ ಕೊನೆ ಸೋಮವಾರ, ಕಡಲೆಕಾಯಿ ಪರಿಷೆ, ಜನವೋ ಜನ.

ಈಗ ಗುಡಿಯ ಎಡಕ್ಕೆ ಒಂದೊಂದೇ ತುಂಡು ಸೇರಿಸುತ್ತಾ ಹೋಗಿ. ಎತ್ತು ಬಂದು ನಿಂತರೆ ಆ ಅಕ್ಷರದ ಅರ್ಥ ‘ವಿಶೇಷ’. ದೊಡ್ಡ ಬಸವಣ್ಣ ಇರುವ ಗುಡಿ ವಿಶೇಷ ಅಲ್ಲದೆ ಮತ್ತೇನು? ನಡೆಯುವ ಮನುಷ್ಯ ಬಂದರೆ ‘ಕಾಯುವುದು’. ದರ್ಶನದ ಸಾಲು ಒಂದೊಂದು ಹೆಜ್ಜೆಯೇ ಮುಂದೆ ಹೋಗುತ್ತಿದೆ. ಕೈ ಬಂದರೆ ‘ಹಿಡಿಯುವುದು’. ಕೈಯಲ್ಲಿ ಬಿಸಿ ಪ್ರಸಾದದ ದೊನ್ನೆ, ಹಿಡಿಯಲೂ ಆಗದು, ಬಿಡಲೂ ಆಗದು. ಸೂರ್ಯ ಬಂದರೆ ‘ಸಮಯ’. ಗೋಪುರದ ನೆರಳು ನೋಡಿ ಎಷ್ಟು ಹೊತ್ತಾಯಿತು ಅನ್ನುತ್ತಾರೆ. ಮಾತು ಬಂದರೆ ‘ಕವಿತೆ’. ಜಗಲಿಯ ಮೇಲೆ ಯಾರೋ ವಚನ ಹಾಡುತ್ತಿದ್ದಾರೆ. ನಿಂತ ಮನುಷ್ಯ ಬಂದರೆ ‘ಸಮುರಾಯ್’. ಬಾಗಿಲಲ್ಲಿ ಕೋಲು ಹಿಡಿದು ನಿಂತ ಕಾವಲಿನವನು, ಸೊಂಟಕ್ಕೆ ಕತ್ತಿ ನಾನೇ ಕಟ್ಟಿದೆ.

ಒಂದೇ ಗುಡಿಯಿಂದ ಆರು ಅಕ್ಷರ ಆಯಿತು, ಅಲ್ವಾ? ಇದರ ಜೊತೆ ಇನ್ನೊಂದು ಲಾಭ. ಗುಡಿಯ ಕಾಂಜಿಯ ಓದು, ಅಂದರೆ ಉಚ್ಚಾರ, ‘ಜಿ’. ಸಮಯ, ಹಿಡಿಯುವುದು, ಸಮುರಾಯ್ ಇವುಗಳಿಗೂ ‘ಜಿ’ ಅನ್ನುವ ಓದೇ ಇದೆ. ಕವಿತೆಗೆ ‘ಶಿ’, ಹತ್ತಿರದ್ದೇ. ‘ಕಾಯುವುದು’ ಮತ್ತು ‘ವಿಶೇಷ’ ಮಾತ್ರ ಗುಂಪು ಬಿಟ್ಟವು, ‘ತಾಯ್’ ಮತ್ತು ‘ತೊಕು’. ಹೆಚ್ಚಿನವುಗಳ ಓದು ಹೊಂದುವುದಕ್ಕೆ ಕಾರಣ ಸರಳ. ಹೆಚ್ಚಿನ ಕಾಂಜಿಗಳಲ್ಲಿ ಒಂದು ತುಂಡು ಅರ್ಥ ಹೇಳುತ್ತದೆ, ಇನ್ನೊಂದು ಉಚ್ಚಾರ ಹೇಳುತ್ತದೆ. ‘ನೀಲಿ’ಯ ಗುಂಪು ಇದಕ್ಕಿಂತ ನಿಯತ್ತಿನದು. ನೀಲಿಗೆ ನೀರು ಸೇರಿದರೆ ಶುದ್ಧ, ಸೂರ್ಯ ಸೇರಿದರೆ ತಿಳಿಯಾದ ಆಕಾಶ, ಮಾತು ಸೇರಿದರೆ ಬೇಡಿಕೆ. ಎಲ್ಲಕ್ಕೂ ‘ಸೇಇ’ ಅನ್ನುವ ಓದು. ಇವನ್ನೆಲ್ಲ ಲಾಲ್‌ಬಾಗ್ ಕೆರೆಯ ಏರಿ ಮೇಲೆ ಕೂರಿಸಿದ್ದೇನೆ.

ಪಂಡಿತರು ಇಲ್ಲಿ ತಕರಾರು ತೆಗೆಯಬಹುದು. ಈ ಅಕ್ಷರಗಳಲ್ಲಿ ಗುಡಿ ಇರುವುದು ಬರೀ ಉಚ್ಚಾರಕ್ಕೆ, ಚೀನಾದಲ್ಲಿ ಆ ಅಕ್ಷರಕ್ಕೆ ಮೊದಲಿದ್ದ ಅರ್ಥ ಸರ್ಕಾರಿ ಕಚೇರಿ. ನಿಜವೇ. ‘ಪೂರ್ವ’ ಅನ್ನುವ ಕಾಂಜಿಯನ್ನು ಮರದ ಹಿಂದೆ ಹುಟ್ಟುವ ಸೂರ್ಯ ಅಂತ ಎಲ್ಲರೂ ಕಲಿಯುತ್ತಾರೆ, ಅದು ಮೂಲದಲ್ಲಿ ಎರಡು ಕಡೆ ಕಟ್ಟಿದ ಚೀಲದ ಚಿತ್ರ ಅನ್ನುತ್ತಾರೆ ಸಂಶೋಧಕರು. ಇರಲಿ. ಟೋಕಿಯೋದ ಮೊದಲ ಅಕ್ಷರ ಇದೇ ‘ಪೂರ್ವ’, ಅದನ್ನು ಬರೆಯುವಾಗ ನನಗೆ ಬೇಕಾದದ್ದು ಸೂರ್ಯ, ಚೀಲ ಅಲ್ಲ.

ಜಪಾನಿನವರೇನು ಕಥೆ ಕಟ್ಟದೆ ಕಲಿಯುತ್ತಾರಾ? ‘ಹೆತ್ತವರು’ ಅನ್ನುವ ಕಾಂಜಿಯಲ್ಲಿ ಮರ, ಅದರ ಮೇಲೆ ನಿಲ್ಲುವುದು, ಪಕ್ಕದಲ್ಲಿ ನೋಡುವುದು ಇವೆ. ಮರ ಹತ್ತಿ ನಿಂತು ಮಕ್ಕಳನ್ನು ನೋಡುವವರು ಅಂತ ಮಕ್ಕಳಿಗೆ ಹೇಳಿಕೊಡುತ್ತಾರೆ. ‘ಪ್ರೀತಿ’ಯ ಹಳೆಯ ರೂಪದಲ್ಲಿ ನೂಲು, ನೂಲು, ನಡುವೆ ಮಾತು, ಕೆಳಗೆ ಹೃದಯ ಇತ್ತು. ಅದಕ್ಕೆ ‘ಇತೊಶಿ ಇತೊಶಿ ತೊ ಇಯು ಕೊಕೊರೊ’ ಅಂತ ಒಂದು ಹಳೆಯ ಹಾಡಿನ ಸಾಲು. ನೂಲಿಗೂ ‘ಇತೊ’, ಮುದ್ದು ಅನ್ನುವುದಕ್ಕೆ ‘ಇತೊಶಿ’. ಮುದ್ದು ಮುದ್ದು ಅನ್ನುವ ಹೃದಯವೇ ಪ್ರೀತಿ. ಇಂಥದ್ದು ಕೇಳಿದ ಮೇಲೆ ನನ್ನ ಕಡಲೆಕಾಯಿ ಪರಿಷೆಯ ಬಗ್ಗೆ ನನಗೆ ಯಾವ ಸಂಕೋಚವೂ ಉಳಿಯಲಿಲ್ಲ.

ಒಂದನ್ನು ಮಾತ್ರ ಕಥೆಗೆ ತುರುಕಬೇಡಿ, ಅದು ಪೂರ್ತಿ ಉಚ್ಚಾರದ ಪಟ್ಟಿ. ಒಂದೊಂದು ಕಾಂಜಿಗೂ ಎರಡು ಮೂರು ಓದು ಇರುತ್ತವೆ. ನೀರು ಒಂಟಿಯಾಗಿ ಬಂದರೆ ‘ಮಿಜು’, ಬುಧವಾರದ ಒಳಗೆ ಬಂದರೆ ‘ಸುಯಿ’. ನಮ್ಮಲ್ಲಿ ಒಂಟಿಯಾಗಿ ‘ನೀರು’, ಸಮಾಸದಲ್ಲಿ ‘ಜಲ’ ಬರುವಂತೆ. ಪಟ್ಟಿ ಬಾಯಿಪಾಠ ಮಾಡಿದರೆ ಮರೆತುಹೋಗುತ್ತದೆ. ಪದದ ಜೊತೆ ಕಲಿತರೆ ಪದವೇ ಓದನ್ನು ಹೊತ್ತು ತರುತ್ತದೆ. ಕಥೆ ಆಕಾರಕ್ಕೆ, ಪದ ಉಚ್ಚಾರಕ್ಕೆ.

ನೋಡಲು ಒಂದೇ ತರ ಇರುವವಕ್ಕೆ ಬೇರೆ ಮದ್ದು. ‘ಇನ್ನೂ ಇಲ್ಲ’ ಮತ್ತು ‘ಕೊನೆ’ ಎರಡೂ ಮರದ ಮೇಲೆ ಇನ್ನೊಂದು ಅಡ್ಡಗೆರೆ. ಮೇಲಿನ ಕೊಂಬೆ ಗಿಡ್ಡ ಇದ್ದರೆ ಮರ ಇನ್ನೂ ಬೆಳೆದಿಲ್ಲ, ಉದ್ದ ಇದ್ದರೆ ಬೆಳವಣಿಗೆ ಮುಗಿಯಿತು. ‘ಹಸು’ ಮತ್ತು ‘ಮಧ್ಯಾಹ್ನ’ದಲ್ಲಿ ನೇರ ಗೆರೆ ಮೇಲಕ್ಕೆ ಚಾಚಿದರೆ ಅದು ಕೊಂಬು, ಅಂದರೆ ಹಸು. ಇಂಥವನ್ನು ಒಟ್ಟಿಗೇ ಕಲಿಯಿರಿ, ಬೇರೆ ಬೇರೆ ದಿನ ಕಲಿತರೆ ಎರಡೂ ಹೋಗುತ್ತವೆ.

ಇನ್ನು ಕೈ ಕೆಲಸ. ಓದುವುದು ಬಂದರೆ ಬರೆಯುವುದು ಬರುತ್ತದೆ ಅಂತ ಅಂದುಕೊಳ್ಳುವ ಹಾಗಿಲ್ಲ. ಫೋನಿನಲ್ಲಿ ಹಿರಗಾನಾ ಒತ್ತಿದರೆ ಕಾಂಜಿ ತಾನೇ ಬರುತ್ತದೆ, ಹಾಗಾಗಿ ಇಲ್ಲಿಯವರೇ ಬರವಣಿಗೆ ಮರೆಯುತ್ತಿದ್ದಾರೆ. ನಾನು ಆಂಕಿ ಆ್ಯಪ್‌ನಲ್ಲಿ ಕಾರ್ಡ್ ಮಾಡಿದೆ, ಮುಂದೆ ಕನ್ನಡ ಅರ್ಥ ಮತ್ತು ಪದದ ಹಿರಗಾನಾ, ಹಿಂದೆ ಕಾಂಜಿ. ಮುಂಭಾಗ ನೋಡಿ ಕಾಗದದ ಮೇಲೆ ಬರೆಯಬೇಕು, ಆಮೇಲೆ ತಿರುಗಿಸಬೇಕು. ಬಂದದ್ದನ್ನು ಆ್ಯಪ್ ತಡವಾಗಿ ಕೇಳುತ್ತದೆ, ಬಾರದ್ದನ್ನು ನಾಳೆಯೇ ಕೇಳುತ್ತದೆ. ದಿನಕ್ಕೆ ಐದಾರು ಹೊಸ ಅಕ್ಷರ ಸಾಕು. ಹುಮ್ಮಸ್ಸಿನಲ್ಲಿ ಮೂವತ್ತು ಸೇರಿಸಿದರೆ ಮುಂದಿನ ವಾರ ಪುನರಾವರ್ತನೆ ಬೆಟ್ಟದಷ್ಟಾಗುತ್ತದೆ. ನೋಟ್‌ಬುಕ್ ಮಾತ್ರ ಮಕ್ಕಳದೇ ತಗೊಳ್ಳಿ, ಚೌಕದ ಒಳಗೆ ಚುಕ್ಕಿ ಗೆರೆಯ ಅಡ್ಡ-ಉದ್ದ ಇರುವಂಥದ್ದು. 100 ಯೆನ್ ಅಂಗಡಿಯಲ್ಲಿ ಸಿಗುತ್ತದೆ. ತುಂಡು ಯಾವ ಮೂಲೆಯಲ್ಲಿ ಕೂರಬೇಕು ಅಂತ ಕಣ್ಣಿಗೆ ಗೊತ್ತಾಗುತ್ತದೆ.

ಗೆರೆಗಳ ಕ್ರಮವನ್ನು ಬಿಡಬೇಡಿ. ಮೇಲಿಂದ ಕೆಳಕ್ಕೆ, ಎಡದಿಂದ ಬಲಕ್ಕೆ, ಅಡ್ಡ ಮೊದಲು, ಉದ್ದ ಆಮೇಲೆ. ಕಿತಾಪತಿಯೂ ಇದೆ. ‘ಎಡ’ ಬರೆಯುವಾಗ ಅಡ್ಡಗೆರೆ ಮೊದಲು, ‘ಬಲ’ ಬರೆಯುವಾಗ ಓರೆಗೆರೆ ಮೊದಲು. ಕ್ರಮ ಕೈಗೆ ಕೂತ ಮೇಲೆ ಕಥೆಯ ಅಗತ್ಯವೇ ಕಡಿಮೆಯಾಗುತ್ತದೆ. ‘ಸಮಯ’ ಬರೆಯುವಾಗ ನನಗೀಗ ಗೋಪುರದ ನೆರಳು ಕಾಣುವುದಿಲ್ಲ, ಕೈ ತಾನೇ ಹೋಗುತ್ತದೆ. ಯಾವತ್ತಾದರೂ ತಡವರಿಸಿದರೆ ಮಾತ್ರ ಬಸವನಗುಡಿಗೆ ಒಂದು ಸುತ್ತು.

ಭಾರತದಲ್ಲಿ ಎಲ್ಲರೂ ಬರೆಯುವ ಜೆಎಲ್‌ಪಿಟಿ ಅನ್ನುವ ಜಪಾನೀಸ್ ಭಾಷಾ ಪರೀಕ್ಷೆಯಲ್ಲಿ ಕೈಬರಹ ಇಲ್ಲ, ಎಲ್ಲ ಆಯ್ಕೆಯ ಪ್ರಶ್ನೆಗಳೇ. ಬರವಣಿಗೆಗೆ ಇಲ್ಲಿ ಕಾಂಕೆನ್ ಅಂತ ಬೇರೆ ಪರೀಕ್ಷೆ ಇದೆ. ಹತ್ತನೇ ಹಂತಕ್ಕೆ 80 ಅಕ್ಷರ, ಎಂಟಕ್ಕೆ 440, ಏಳಕ್ಕೆ 642. ಈಗ ನಾನು ಏಳನೆಯದಕ್ಕೆ ಓದುತ್ತಿದ್ದೇನೆ. ಅದು ನಾಲ್ಕನೇ ತರಗತಿಯ ಪಠ್ಯ. 2020ರಿಂದ ಆ ತರಗತಿಗೆ ಜಿಲ್ಲೆಗಳ ಹೆಸರಿನಲ್ಲಿ ಬರುವ, ಅದಕ್ಕಿಂತ ಕೆಳಗಿನ ತರಗತಿಗಳಲ್ಲಿ ಇಲ್ಲದ ಕಾಂಜಿಗಳೆಲ್ಲ ಬಂದಿವೆ. ಕುಮಾಮೊತೊದ ‘ಕರಡಿ’ ಸಲೀಸಾಗಿ ಬಂತು. ಮೇಲೆ ‘ಸಾಮರ್ಥ್ಯ’, ಕೆಳಗೆ ಬೆಂಕಿಯ ನಾಲ್ಕು ಚುಕ್ಕಿ. ದರೋಜಿ ಕರಡಿಧಾಮದ ಕಾದ ಬಂಡೆ ಮೇಲೆ ಆರಾಮಾಗಿ ನಡೆಯುವ ತಾಕತ್ತು ಇರುವ ಪ್ರಾಣಿ. ನೀಗಾತಾದ ಎರಡನೇ ಅಕ್ಷರಕ್ಕೆ ಇನ್ನೂ ಕಥೆ ಸಿಕ್ಕಿಲ್ಲ. ಅದರಲ್ಲಿ ಹದಿನೈದು ಗೆರೆ.