ಮಗಳ ಶಾಲೆಯ ಮೈದಾನದಲ್ಲಿ ಟೈಟಲ್ ನೈನ್: ಎಣಿಸುವುದು ಹೇಗೆ, ದೂರು ಕೊಡುವುದು ಹೇಗೆ?

ಅಮೆರಿಕದಲ್ಲಿ ನೆಲೆಸಿದ ಕನ್ನಡದ ಅಪ್ಪ–ಅಮ್ಮಂದಿರಿಗೆ ಮಕ್ಕಳ ಶಾಲೆಯ ಗಣಿತದ ಮಟ್ಟ ಬಾಯಿಪಾಠವಾಗಿರುತ್ತದೆ. ಅದೇ ಶಾಲೆಯ ಕ್ರೀಡಾ ತಂಡಗಳಲ್ಲಿ ಹುಡುಗಿಯರಿಗೆ ಎಷ್ಟು ಜಾಗವಿದೆ ಎಂದು ಕೇಳಿ ನೋಡಿ, ಉತ್ತರ ಹೊರಡುವುದಿಲ್ಲ. ಮಗಳಿಗೆ ಅನ್ಯಾಯವಾಗಿದೆ ಎಂದು ಶಾಲೆಗೆ ಪತ್ರ ಬರೆಯುವವರು ಎಡವುವುದೂ ಇಲ್ಲೇ: ಸಿಟ್ಟು ಬೇಕಾದಷ್ಟಿರುತ್ತದೆ, ಅಂಕಿ ಇರುವುದಿಲ್ಲ.

ಟೈಟಲ್ ನೈನ್ ಕಾನೂನಿಗೆ ಅಧ್ಯಕ್ಷ ನಿಕ್ಸನ್ ಸಹಿ ಹಾಕಿದ್ದು 1972ರ ಜೂನ್ 23ರಂದು. ಅದರ ತಿರುಳು ಇಂಗ್ಲಿಷಿನ 37 ಪದಗಳು: ಕೇಂದ್ರ ಸರ್ಕಾರದ ಹಣ ಪಡೆಯುವ ಯಾವುದೇ ಶಿಕ್ಷಣ ಕಾರ್ಯಕ್ರಮದಲ್ಲಿ ಲಿಂಗದ ಕಾರಣಕ್ಕೆ ಯಾರನ್ನೂ ಹೊರಗಿಡಬಾರದು, ಸೌಲಭ್ಯ ತಪ್ಪಿಸಬಾರದು, ತಾರತಮ್ಯ ಮಾಡಬಾರದು. ಆ 37 ಪದಗಳಲ್ಲಿ ಆಟದ ಪ್ರಸ್ತಾಪವೇ ಇಲ್ಲ. ಕ್ರೀಡೆಯ ವಿವರ ಬಂದದ್ದು 1975ರ ನಿಯಮಾವಳಿಯಲ್ಲಿ. ಅಳತೆಗೋಲು ಬಂದದ್ದು 1979ರ ವ್ಯಾಖ್ಯಾನದಲ್ಲಿ. 1971–72ರಲ್ಲಿ ಹೈಸ್ಕೂಲ್ ತಂಡಗಳಲ್ಲಿ ಆಡುತ್ತಿದ್ದ ಹುಡುಗಿಯರು 3 ಲಕ್ಷಕ್ಕೂ ಕಡಿಮೆ. ಇಂದು 30 ಲಕ್ಷಕ್ಕೂ ಹೆಚ್ಚು.

ಮೊದಲು ನಿಮ್ಮ ಶಾಲೆ ಈ ಕಾನೂನಿನ ವ್ಯಾಪ್ತಿಯಲ್ಲಿದೆಯೇ ನೋಡಿ. ಪಬ್ಲಿಕ್ ಶಾಲೆಯಾದರೆ ಅನುಮಾನವೇ ಬೇಡ. ಖಾಸಗಿ ಕಾಲೇಜಿನ ವಿದ್ಯಾರ್ಥಿಗಳು ಕೇಂದ್ರದ ಶಿಕ್ಷಣ ನೆರವು ಪಡೆಯುತ್ತಿದ್ದರೂ ಸಾಕು. 1988ರ ತಿದ್ದುಪಡಿಯ ನಂತರ ಹಣ ಯಾವ ವಿಭಾಗಕ್ಕೆ ಬಂದರೂ ಇಡೀ ಸಂಸ್ಥೆ ಒಳಪಡುತ್ತದೆ. ಕೇಂದ್ರದ ಹಣವನ್ನೇ ಮುಟ್ಟದ ಖಾಸಗಿ ಶಾಲೆ ಇದರ ಹೊರಗೆ. ಧಾರ್ಮಿಕ ಸಂಸ್ಥೆಗಳ ಹಿಡಿತದ ಶಾಲೆಗಳಿಗೆ, ತಮ್ಮ ಮತತತ್ವಕ್ಕೆ ವಿರುದ್ಧವಾಗುವ ಮಟ್ಟಿಗೆ, ವಿನಾಯಿತಿ ಇದೆ.

ಎಣಿಕೆ

ಬೇಕಾದದ್ದು ನಾಲ್ಕು ಅಂಕಿ: ಶಾಲೆಯಲ್ಲಿ ಓದುವ ಹುಡುಗರು, ಹುಡುಗಿಯರು, ತಂಡಗಳಲ್ಲಿ ಹುಡುಗರ ಸ್ಥಾನಗಳು, ಹುಡುಗಿಯರ ಸ್ಥಾನಗಳು. ಎಣಿಸಬೇಕಾದದ್ದು ಸ್ಥಾನಗಳನ್ನು, ತಲೆಗಳನ್ನಲ್ಲ. ಒಬ್ಬಳೇ ಹುಡುಗಿ ವಾಲಿಬಾಲ್, ಬಾಸ್ಕೆಟ್‌ಬಾಲ್, ಟ್ರ್ಯಾಕ್ ಮೂರರಲ್ಲೂ ಇದ್ದರೆ ಮೂರು ಸ್ಥಾನ. ವಾರ್ಸಿಟಿ, ಎಂದರೆ ಶಾಲೆಯ ಮುಖ್ಯ ತಂಡ ಮಾತ್ರವಲ್ಲ, ಅದರ ಕೆಳಗಿನ ಜೂನಿಯರ್ ವಾರ್ಸಿಟಿ ಮತ್ತು ಮೊದಲ ವರ್ಷದವರ ಫ್ರೆಶ್‌ಮನ್ ತಂಡಗಳೂ ಸೇರಬೇಕು. ಋತುವಿನ ಮೊದಲ ಪಂದ್ಯದ ದಿನದ ಪಟ್ಟಿ ಹಿಡಿಯಿರಿ. ಆಯ್ಕೆಯ ದಿನ ಬಂದವರ ಪಟ್ಟಿ ಉಬ್ಬಿರುತ್ತದೆ. ಪಕ್ಕದಲ್ಲಿ ನಿಂತು ಹುರಿದುಂಬಿಸುವ ಚಿಯರ್‌ಲೀಡಿಂಗ್ ತಂಡವನ್ನು ಹುಡುಗಿಯರ ಲೆಕ್ಕಕ್ಕೆ ತುಂಬಿಸಿದ್ದಾರೆಯೇ ಎಂದೂ ನೋಡಿ. ಸಾಮಾನ್ಯವಾಗಿ ಅದು ಕ್ರೀಡೆಯ ಲೆಕ್ಕಕ್ಕೆ ಬರುವುದಿಲ್ಲ.

ಕ್ಯಾಲಿಫೋರ್ನಿಯಾದಂಥ ಕೆಲವು ರಾಜ್ಯಗಳಲ್ಲಿ ಶಾಲೆಗಳು ಈ ಅಂಕಿಗಳನ್ನು ಪ್ರತಿವರ್ಷ ಪ್ರಕಟಿಸಲೇಬೇಕು. ಉಳಿದೆಡೆ ರಾಜ್ಯದ ಸಾರ್ವಜನಿಕ ದಾಖಲೆ ಕಾನೂನಿನಡಿ ಅರ್ಜಿ ಹಾಕಿ. ನಮ್ಮ ಮಾಹಿತಿ ಹಕ್ಕಿನ ಅರ್ಜಿಯಂಥದ್ದೇ. ಹೆಸರು ಕೇಳಬೇಡಿ, ಸಂಖ್ಯೆ ಮಾತ್ರ ಕೇಳಿ. ಹೆಸರು ಕೇಳಿದರೆ ವಿದ್ಯಾರ್ಥಿಗಳ ಖಾಸಗಿತನದ ನೆಪದಲ್ಲಿ ಅರ್ಜಿ ತಿಂಗಳುಗಟ್ಟಲೆ ಕೂರುತ್ತದೆ.

ಈಗ ಒಂದು ಕಾಲ್ಪನಿಕ ಶಾಲೆಯ ಲೆಕ್ಕ. 820 ಹುಡುಗರು, 780 ಹುಡುಗಿಯರು. ತಂಡಗಳಲ್ಲಿ ಹುಡುಗರಿಗೆ 370 ಸ್ಥಾನ, ಹುಡುಗಿಯರಿಗೆ 250. ಶಾಲೆಯಲ್ಲಿ ಹುಡುಗಿಯರು ಶೇ 48.75, ಆಟದಲ್ಲಿ ಶೇ 40.3. ಅಂತರ ಸುಮಾರು 8.4 ಶೇಕಡಾ ಅಂಶ. ಇಲ್ಲಿ ಬಹಳ ಮಂದಿ 620ಕ್ಕೆ ಶೇ 8.4 ಹಾಕಿ ‘52 ಸ್ಥಾನ ಕೊರತೆ’ ಎಂದು ಬರೆಯುತ್ತಾರೆ. ಅದು ತಪ್ಪು, ಏಕೆಂದರೆ ಆ ಲೆಕ್ಕ ಹುಡುಗರ ಸ್ಥಾನಗಳನ್ನು ಕಿತ್ತು ಹುಡುಗಿಯರಿಗೆ ಕೊಡುತ್ತದೆ. ಹುಡುಗರ ಸಂಖ್ಯೆಯನ್ನು ಹಾಗೇ ಉಳಿಸಿ ಲೆಕ್ಕ ಹಾಕಬೇಕು: 370ನ್ನು 780ರಿಂದ ಗುಣಿಸಿ 820ರಿಂದ ಭಾಗಿಸಿ. 352 ಬರುತ್ತದೆ. ಅದರಲ್ಲಿ ಇರುವ 250 ಕಳೆದರೆ ನಿಜವಾದ ಕೊರತೆ 102. ಅರ್ಧಕ್ಕರ್ಧ ಅನ್ಯಾಯವನ್ನು ನೀವೇ ಅಳಿಸಿ ಶಾಲೆಯ ಕೈಗೆ ಕೊಡಬೇಕಾಗಿಲ್ಲ.

ಇಷ್ಟೇ ಅಂತರವಾದರೆ ಉಲ್ಲಂಘನೆ ಎಂಬ ನಿಗದಿತ ಶೇಕಡಾವಾರು ಇಲ್ಲ. ಕೊರತೆಯ ಸಂಖ್ಯೆಯಲ್ಲಿ ಒಂದು ತಂಡ ಕಟ್ಟಬಹುದೇ ಎಂಬುದೇ ಪ್ರಶ್ನೆ. ಕ್ಯಾಲಿಫೋರ್ನಿಯಾದ ಸ್ವೀಟ್‌ವಾಟರ್ ಶಾಲಾ ಜಿಲ್ಲೆಯ ಪ್ರಕರಣದಲ್ಲಿ ಅಂತರ 6.7 ಅಂಶ, ಎಂದರೆ 47 ಹುಡುಗಿಯರು. ಅಷ್ಟು ಜನರಿಂದ ತಂಡ ಆಗುತ್ತದೆ ಎಂದು 9ನೇ ಸರ್ಕ್ಯೂಟ್ ಮೇಲ್ಮನವಿ ನ್ಯಾಯಾಲಯ 2014ರಲ್ಲಿ ಜಿಲ್ಲೆಯ ವಾದವನ್ನು ತಳ್ಳಿಹಾಕಿತು.

ಶಾಲೆ ಎಲ್ಲಿ ತಪ್ಪಿಸಿಕೊಳ್ಳುತ್ತದೆ

ಅನುಪಾತ ತಪ್ಪಿದ ಮಾತ್ರಕ್ಕೆ ಶಾಲೆ ಸೋತಂತಲ್ಲ. 1979ರ ವ್ಯಾಖ್ಯಾನ ಕೊಟ್ಟ ಪರೀಕ್ಷೆಗೆ ಮೂರು ಬಾಗಿಲು, ಯಾವುದಾದರೂ ಒಂದರಲ್ಲಿ ದಾಟಿದರೆ ಸಾಕು. ಮೊದಲನೆಯದು ಈಗ ಹೇಳಿದ ಅನುಪಾತ. ಎರಡನೆಯದು, ಹುಡುಗಿಯರ ಕ್ರೀಡೆಯನ್ನು ಹಿಂದಿನಿಂದಲೂ ಹಿಗ್ಗಿಸುತ್ತಾ ಬಂದ, ಈಗಲೂ ಹಿಗ್ಗಿಸುತ್ತಿರುವ ದಾಖಲೆ. ಹದಿನೈದು ವರ್ಷದ ಹಿಂದೆ ಒಂದು ತಂಡ ಸೇರಿಸಿ ಸುಮ್ಮನೆ ಕೂತ ಶಾಲೆಗೆ ಈ ಬಾಗಿಲು ತೆರೆಯುವುದು ಕಷ್ಟ.

ಮೂರನೆಯದೇ ಶಾಲೆಗಳಿಗೆ ಅಚ್ಚುಮೆಚ್ಚು: ‘ಹುಡುಗಿಯರಿಗೆ ಆಸಕ್ತಿಯೇ ಇಲ್ಲ.’ ಇದನ್ನು ಮುರಿಯಲು ಮೂರು ವಿಷಯ ತೋರಿಸಬೇಕು: ಆಡಲು ಆಸೆಯಿದೆ, ತಂಡ ನಡೆಸುವಷ್ಟು ಜನ ಮತ್ತು ಕೌಶಲ ಇದೆ, ಸುತ್ತಮುತ್ತ ಎದುರಾಳಿ ತಂಡಗಳಿವೆ. ಹುಡುಗಿಯರ ಸಹಿ ಇರುವ ಮನವಿ, ಊರಿನ ಕ್ಲಬ್‌ಗಳಲ್ಲಿ ಆಡುವವರ ಸಂಖ್ಯೆ, ಮಿಡಲ್ ಸ್ಕೂಲಿನಿಂದ ಬರುವ ಆಟಗಾರ್ತಿಯರು, ಅಕ್ಕಪಕ್ಕದ ಹೈಸ್ಕೂಲುಗಳಲ್ಲಿರುವ ತಂಡಗಳ ಪಟ್ಟಿ ಜೋಡಿಸಿ. ತಂಡ ಬೇಕೆಂದು ಬರಹದಲ್ಲಿ ಕೇಳಿ, ದಿನಾಂಕ ಇರಲಿ. ಇಮೇಲ್ ಸಮೀಕ್ಷೆಗೆ ಉತ್ತರಿಸದಿದ್ದರೆ ಆಸಕ್ತಿ ಇಲ್ಲವೆಂದು ಎಣಿಸಬಹುದು ಎಂಬ 2005ರ ವಿಚಿತ್ರ ಮಾರ್ಗಸೂಚಿಯನ್ನು 2010ರಲ್ಲಿ ಹಿಂತೆಗೆದುಕೊಳ್ಳಲಾಗಿದೆ. ಯಾರಾದರೂ ಅದನ್ನೇ ಹಿಡಿದು ಮಾತಾಡಿದರೆ ನೆನಪಿಸಿ.

ಸೌಲಭ್ಯದ ಹೋಲಿಕೆ

ನೋಟ್‌ಬುಕ್ ಹಿಡಿದು ಬೇಸ್‌ಬಾಲ್ ಮತ್ತು ಸಾಫ್ಟ್‌ಬಾಲ್ ಮೈದಾನ ಸುತ್ತಿ. ಡಗ್‌ಔಟ್ (ಆಟಗಾರರು ಕೂರುವ ಜಾಗ), ದೀಪ, ಸ್ಕೋರ್‌ಬೋರ್ಡ್, ಬ್ಯಾಟಿಂಗ್ ಬಲೆ, ಶೌಚಾಲಯ ಎಷ್ಟು ದೂರ, ಅಭ್ಯಾಸದ ಸಮಯ ಯಾರಿಗೆ ಯಾವಾಗ, ಬಸ್ ಯಾರಿಗೆ, ತರಬೇತುದಾರರು ಎಷ್ಟು, ಪ್ರಚಾರ ಯಾರಿಗೆ. ಫೋಟೊದಲ್ಲಿ ದಿನಾಂಕವಿರಲಿ, ಮಕ್ಕಳ ಮುಖ ಬೇಡ. ಪಂದ್ಯಗಳ ಋತುವೂ ಸೌಲಭ್ಯವೇ: ಮಿಷಿಗನ್‌ನಲ್ಲಿ ಹುಡುಗಿಯರ ಆಟಗಳನ್ನು ಮಾತ್ರ ಅನನುಕೂಲ ಋತುಗಳಿಗೆ ತಳ್ಳಿದ್ದನ್ನು ಪೋಷಕರು ಪ್ರಶ್ನಿಸಿ ಗೆದ್ದು, 2007ರಲ್ಲಿ ರಾಜ್ಯದ ವೇಳಾಪಟ್ಟಿಯೇ ಬದಲಾಯಿತು.

ಖರ್ಚಿನ ಮೊತ್ತವನ್ನೇ ದೂರಿನ ತಲೆಯಲ್ಲಿಡಬೇಡಿ. ಸಮಾನ ಡಾಲರ್ ಖರ್ಚು ಮಾಡಬೇಕೆಂದು ನಿಯಮವಿಲ್ಲ. ಫುಟ್‌ಬಾಲ್ ಹೆಲ್ಮೆಟ್‌ಗೆ ಈಜುಡುಗೆಗಿಂತ ದುಡ್ಡು ಹೆಚ್ಚೇ. ಹೋಲಿಸುವುದು ತಂಡಕ್ಕೆ ತಂಡವನ್ನಲ್ಲ, ಹುಡುಗರ ಇಡೀ ಕಾರ್ಯಕ್ರಮವನ್ನು ಹುಡುಗಿಯರ ಇಡೀ ಕಾರ್ಯಕ್ರಮಕ್ಕೆ. ಆದರೆ ‘ಆ ಸ್ಕೋರ್‌ಬೋರ್ಡ್ ಬೂಸ್ಟರ್ ಕ್ಲಬ್ (ತಂಡಕ್ಕೆ ಹಣ ಕೂಡಿಸುವ ಪೋಷಕರ, ಅಭಿಮಾನಿಗಳ ಕೂಟ) ಕೊಟ್ಟದ್ದು, ನಮ್ಮದಲ್ಲ’ ಎಂಬ ಉತ್ತರ ನಡೆಯದು. ದಾನಿ ಯಾರೇ ಇರಲಿ, ಶಾಲೆಯ ಆವರಣದಲ್ಲಿ ಸಿಗುವ ಸೌಲಭ್ಯಕ್ಕೆ ಶಾಲೆಯೇ ಹೊಣೆ.

ದೂರು

ಪ್ರತಿ ಶಾಲಾ ಜಿಲ್ಲೆಗೂ ಒಬ್ಬ ಟೈಟಲ್ ನೈನ್ ಸಂಯೋಜಕರು ಇರಲೇಬೇಕು. ಹೆಸರು, ಇಮೇಲ್ ಜಿಲ್ಲೆಯ ವೆಬ್‌ಸೈಟಿನಲ್ಲಿರುತ್ತವೆ. ಮೊದಲ ಪತ್ರ ಅವರಿಗೆ, ಒಂದೇ ಪುಟ: ನಾಲ್ಕು ಅಂಕಿ, ಕೊರತೆಯ ಸಂಖ್ಯೆ, ಸೌಲಭ್ಯದ ಮೂರ್ನಾಲ್ಕು ವ್ಯತ್ಯಾಸ, ಉತ್ತರಕ್ಕೆ ಗಡುವು. ಕೋಚ್‌ನ ಸ್ವಭಾವದ ವರ್ಣನೆ ಬೇಡ. ಬರೆದರೆ ಚರ್ಚೆ ಅದರ ಸುತ್ತಲೇ ಗಿರಕಿ ಹೊಡೆಯುತ್ತದೆ.

ಉತ್ತರ ತೃಪ್ತಿ ತರದಿದ್ದರೆ ಕೇಂದ್ರ ಶಿಕ್ಷಣ ಇಲಾಖೆಯ ನಾಗರಿಕ ಹಕ್ಕುಗಳ ಕಚೇರಿಗೆ ಆನ್‌ಲೈನ್ ದೂರು. ಶುಲ್ಕವಿಲ್ಲ, ವಕೀಲರು ಬೇಕಿಲ್ಲ, ಅಮೆರಿಕದ ಪ್ರಜೆಯಾಗಿರಬೇಕೆಂದೂ ಇಲ್ಲ. ಎಚ್‌–1ಬಿ ವೀಸಾದಲ್ಲಿರುವ ತಂದೆಯೂ ಕೊಡಬಹುದು. ತಾರತಮ್ಯ ನಡೆದ ಕೊನೆಯ ದಿನದಿಂದ 180 ದಿನಗಳೊಳಗೆ ಕೊಡಬೇಕು. ಶಾಲೆಯ ಆಂತರಿಕ ವಿಚಾರಣೆ ಮುಗಿಯುವವರೆಗೆ ಕಾದಿದ್ದರೆ, ಅದು ಮುಗಿದ 60 ದಿನಗಳೊಳಗೆ. ನಂತರ ಕಚೇರಿ ಕಳಿಸುವ ಒಪ್ಪಿಗೆ ಪತ್ರಕ್ಕೆ ಸಹಿ ಹಾಕಿ ಬೇಗ ಮರಳಿಸಿ. ಅದನ್ನು ಇಮೇಲ್ ರಾಶಿಯಲ್ಲಿ ಮರೆತರೆ ದೂರು ಮುಚ್ಚಿಹೋಗಬಹುದು. ಬೇಗ ಮುಗಿಯುತ್ತದೆಂಬ ನಿರೀಕ್ಷೆ ಬೇಡ: 2025ರ ಮಾರ್ಚ್‌ನಲ್ಲಿ ಈ ಕಚೇರಿಯ 12 ಪ್ರಾದೇಶಿಕ ಶಾಖೆಗಳಲ್ಲಿ 7ನ್ನು ಮುಚ್ಚುವ ತೀರ್ಮಾನವಾಯಿತು. ಇಲ್ಲಿಗೆ ಹೋಗದೆ ನೇರ ನ್ಯಾಯಾಲಯಕ್ಕೆ ಹೋಗುವ ಹಕ್ಕನ್ನು ಸುಪ್ರೀಂ ಕೋರ್ಟ್ 1979ರಲ್ಲೇ ಒಪ್ಪಿದೆ. ಅದಕ್ಕೆ ಕಾಲಮಿತಿ ರಾಜ್ಯದಿಂದ ರಾಜ್ಯಕ್ಕೆ ಬೇರೆ, ಅಲ್ಲಿ ವಕೀಲರು ಬೇಕು.

ಮಗಳನ್ನು ಬೆಂಚಿನಲ್ಲಿ ಕೂರಿಸಿಬಿಟ್ಟರೆ ಎಂಬ ಹೆದರಿಕೆಗೂ ಕಾನೂನಿನಲ್ಲಿ ಉತ್ತರವಿದೆ. ಅಲಬಾಮಾದ ಬರ್ಮಿಂಗ್‌ಹ್ಯಾಮ್‌ನಲ್ಲಿ ಹುಡುಗಿಯರ ಬಾಸ್ಕೆಟ್‌ಬಾಲ್ ತಂಡಕ್ಕೆ ಸಮಾನ ಸೌಲಭ್ಯ ಕೇಳಿದ ಮೇಲೆ ಕೋಚ್ ಹುದ್ದೆ ಕಳೆದುಕೊಂಡ ರೊಡರಿಕ್ ಜ್ಯಾಕ್ಸನ್ ಪ್ರಕರಣದಲ್ಲಿ, ಸೇಡಿನ ಕ್ರಮವೂ ಟೈಟಲ್ ನೈನ್ ಉಲ್ಲಂಘನೆ ಎಂದು ಸುಪ್ರೀಂ ಕೋರ್ಟ್ 2005ರಲ್ಲಿ ತೀರ್ಪಿತ್ತಿತು. ದೂರಿಗೆ ಮುಂಚೆ ಮಗಳು ಎಷ್ಟು ಪಂದ್ಯ, ಎಷ್ಟು ನಿಮಿಷ ಆಡುತ್ತಿದ್ದಳು ಎಂದು ಈಗಲೇ ಬರೆದಿಡಿ. ದೂರಿನ ನಂತರದ ಅಂಕಿಯನ್ನು ಹೋಲಿಸಲು ಬೇರೆ ದಾಖಲೆ ಸಿಗುವುದಿಲ್ಲ.