‘ಅರ್ಥವಾಯಿತೇ?’ ಎಂದು ಕೇಳುವುದನ್ನು ಬಿಟ್ಟ ಮೇಲೆ

ನನ್ನ ಪಾಠವನ್ನು ನಾನೇ ಮೊಬೈಲಿನಲ್ಲಿ ಧ್ವನಿಮುದ್ರಿಸಿಕೊಂಡಿದ್ದು ಕೆಲಸಕ್ಕೆ ಸೇರಿದ ಒಂಬತ್ತನೆಯ ವರ್ಷದಲ್ಲಿ. ಅದರ ಹಿಂದೆ ಘನ ಉದ್ದೇಶವೇನೂ ಇರಲಿಲ್ಲ. ಗಂಟಲು ಕೆಟ್ಟು ವೈದ್ಯರ ಬಳಿ ಹೋಗಿದ್ದಾಗ, ದಿನಕ್ಕೆ ಎಷ್ಟು ಹೊತ್ತು ಮಾತನಾಡುತ್ತೀರಿ ಎಂದು ಅವರು ಕೇಳಿದ್ದರು. ಉತ್ತರ ಗೊತ್ತಿರಲಿಲ್ಲ. ಮರುದಿನ ಮೇಜಿನ ಮೇಲೆ ಫೋನ್ ಇಟ್ಟು ಪಾಠ ಮಾಡಿದೆ, ರಾತ್ರಿ ಊಟವಾದ ಮೇಲೆ ಕೇಳಲು ಕೂತೆ.

50 ನಿಮಿಷದ ತರಗತಿಯಲ್ಲಿ 46 ನಿಮಿಷ ನನ್ನದೇ ದನಿ. ನಡುನಡುವೆ ‘ಅರ್ಥವಾಯಿತೇ?’ ಎಂಬ ಪ್ರಶ್ನೆ, ಒಟ್ಟು 23 ಸಲ. ಅದಕ್ಕೆ ಉತ್ತರವೆಂದು ಕೇಳಿಸಿದ್ದು ಮುಂದಿನ ಬೆಂಚಿನಿಂದ ಬಂದ ಎರಡು ‘ಆಯಿತು ಸರ್’. ಉಳಿದ 21 ಸಲ ಯಾರೂ ಬಾಯಿ ತೆರೆಯುವ ಮೊದಲೇ ನಾನು ಮುಂದಿನ ಸಮೀಕರಣಕ್ಕೆ ಹಾರಿದ್ದೆ. ಪ್ರಶ್ನೆ ಕೇಳಿದ ಮೇಲೆ ಶಿಕ್ಷಕರು ಸರಾಸರಿ ಒಂದು ಸೆಕೆಂಡ್ ಮಾತ್ರ ಕಾಯುತ್ತಾರೆ ಎಂದು ಅಮೆರಿಕದ ಶಿಕ್ಷಣ ಸಂಶೋಧಕಿ ಮೇರಿ ಬಡ್ ರೋ 1970ರ ದಶಕದಲ್ಲೇ ಅಳೆದು ಬರೆದಿದ್ದರು. ಅದು ನನಗೆ ತಿಳಿದದ್ದು ಬಹಳ ತಡವಾಗಿ. ನಾನು ಆ ಒಂದು ಸೆಕೆಂಡೂ ಕಾಯುತ್ತಿರಲಿಲ್ಲ.

ತಾಲ್ಲೂಕು ಕೇಂದ್ರವೊಂದರ ಸರ್ಕಾರಿ ಪ್ರಥಮ ದರ್ಜೆ ಕಾಲೇಜಿನಲ್ಲಿ ನಾನು ಭೌತಶಾಸ್ತ್ರ ಕಲಿಸುತ್ತೇನೆ. ಬಿ.ಎಸ್ಸಿ. ಮೊದಲ ಸೆಮಿಸ್ಟರಿಗೆ ಬರುವವರಲ್ಲಿ ಮುಕ್ಕಾಲು ಪಾಲು ಮಕ್ಕಳು ಹತ್ತನೆಯವರೆಗೆ ಕನ್ನಡ ಮಾಧ್ಯಮದವರು. ಪಿಯುಸಿಯಲ್ಲಿ ವಿಜ್ಞಾನ ಇಂಗ್ಲಿಷಿಗೆ ತಿರುಗಿದಾಗ ಅವರಿಗೆ ಕಂಡ ದಾರಿ ಒಂದೇ, ಬಾಯಿಪಾಠ. ಆ ದಾರಿ ಅವರನ್ನು ಪಾಸೂ ಮಾಡಿಸಿರುತ್ತದೆ. ಆದ್ದರಿಂದ ನಮ್ಮಲ್ಲಿಗೆ ಬಂದ ಮೊದಲ ದಿನವೇ ಅವರು ಕೇಳುವುದು ನೋಟ್ಸ್. ನಾನೂ ಒಂಬತ್ತು ವರ್ಷ ನಿಷ್ಠೆಯಿಂದ ಬರೆಸಿದ್ದೆ.

ಧ್ವನಿಮುದ್ರಣ ಕೇಳಿದ ವಾರವೇ ಒಂದು ಸಣ್ಣ ಪರೀಕ್ಷೆ ಮಾಡಿದೆ. ಚಲನೆಯ ಸಮೀಕರಣಗಳನ್ನು ಮುಗಿಸಿದ್ದ ತರಗತಿ ಅದು, 54 ಮಂದಿ. ಕೇಳಿದ್ದು ಇಷ್ಟೇ: ಚೆಂಡನ್ನು ನೇರ ಮೇಲಕ್ಕೆ ಎಸೆದಿದ್ದೇನೆ, ತುತ್ತತುದಿಯಲ್ಲಿ ಅದರ ವೇಗೋತ್ಕರ್ಷ (ಆಕ್ಸಲರೇಶನ್, ವೇಗ ಬದಲಾಗುವ ದರ) ಎಷ್ಟು? ಚೀಟಿಯಲ್ಲಿ ಬರೆಯಿರಿ, ಹೆಸರು ಬೇಡ. 54ರಲ್ಲಿ 39 ಚೀಟಿಗಳಲ್ಲಿ ‘ಸೊನ್ನೆ’ ಎಂದಿತ್ತು. (ಅಲ್ಲಿ ಸೊನ್ನೆಯಾಗುವುದು ವೇಗ ಮಾತ್ರ, ಗುರುತ್ವದ ವೇಗೋತ್ಕರ್ಷ ಆಗಲೂ ಇದ್ದೇ ಇರುತ್ತದೆ.) ಅದೇ ಮಕ್ಕಳು ಹಿಂದಿನ ದಿನ ಮೂರೂ ಸಮೀಕರಣಗಳನ್ನು ಒಂದಕ್ಷರ ತಪ್ಪದೆ ಬರೆದು ತೋರಿಸಿದ್ದರು.

ಏಕೆ ಸೊನ್ನೆ ಎಂದು ಕೇಳಿದರೆ ಮೌನ. ಕೊನೆಗೆ ಕನ್ನಡದಲ್ಲೇ ಹೇಳಿ ಎಂದೆ. ಒಬ್ಬ ಹುಡುಗ ಎದ್ದು, ‘ಗಾಡಿಯ ಆಕ್ಸಲರೇಟರ್ ತಿರುಗಿಸಿದರೆ ಓಡುತ್ತದೆ, ಬಿಟ್ಟರೆ ನಿಲ್ಲುತ್ತದೆ. ಚೆಂಡು ಅಲ್ಲಿ ನಿಂತಿದೆಯಲ್ಲ ಸರ್’ ಎಂದ. ನಾನು ಸುಮ್ಮನಾದೆ. ವೇಗೋತ್ಕರ್ಷ ಎಂಬ ಶಾಲೆಯ ಪದ ಅವನಿಗೆ ಮರೆತಿತ್ತು, ಕಾಲೇಜಿನ ಇಂಗ್ಲಿಷ್ ಪದ ನೇರವಾಗಿ ಅವನ ಬೈಕಿನ ಹಿಡಿಕೆಗೆ ಹೋಗಿ ಅಂಟಿಕೊಂಡಿತ್ತು. ಕನ್ನಡದ ಪದಗಳೂ ಮುಗ್ಧವಲ್ಲ ಅನ್ನಿ. ಬಲ, ಶಕ್ತಿ, ಸಾಮರ್ಥ್ಯ ಮೂರೂ ನಮ್ಮ ಪಠ್ಯದಲ್ಲಿ ಬೇರೆ ಬೇರೆ ರಾಶಿಗಳು. ಮನೆಯಲ್ಲಿ ಮೂರಕ್ಕೂ ಒಂದೇ ಅರ್ಥ, ತಾಕತ್ತು. ಮುಂದೆ ಸರ್ಕಾರದ ‘ಶಕ್ತಿ’ ಯೋಜನೆ ಬಂದ ಮೇಲೆ, ಶಕ್ತಿಗೆ ಒಂದು ಉದಾಹರಣೆ ಕೊಡಿ ಎಂದಾಗ ಹುಡುಗಿಯೊಬ್ಬಳು ಬಸ್ಸಿನ ಉಚಿತ ಟಿಕೆಟ್ ಎತ್ತಿ ತೋರಿಸಿದ್ದೂ ಉಂಟು. ನಕ್ಕೆವು, ಆದರೆ ತರಗತಿ ಜೀವಂತವಾಗಿತ್ತು.

ನನ್ನ ಈ ಅವಸ್ಥೆ ಹೊಸದಲ್ಲ ಎಂದು ಹುಡುಕುತ್ತಾ ಹೋದಾಗ ಗೊತ್ತಾಯಿತು. ಹಾರ್ವರ್ಡ್‌ನ ಎರಿಕ್ ಮಜೂರ್ ಕೂಡ ಭೌತಶಾಸ್ತ್ರದ ಮೇಷ್ಟರೇ. 1990ರ ಸುಮಾರಿಗೆ ಅವರು ತಮ್ಮ ವಿದ್ಯಾರ್ಥಿಗಳಿಗೆ ನ್ಯೂಟನ್ನನ ನಿಯಮಗಳ ಮೇಲೆ ತೀರಾ ಸರಳವಾದ, ಲೆಕ್ಕವಿಲ್ಲದ ಪ್ರಶ್ನೆಗಳನ್ನು ಕೊಟ್ಟರು. ಒಬ್ಬ ವಿದ್ಯಾರ್ಥಿನಿ, ಇದಕ್ಕೆ ನೀವು ಕಲಿಸಿದ ಹಾಗೆ ಉತ್ತರಿಸಬೇಕೋ ನಾನು ಯೋಚಿಸುವ ಹಾಗೆ ಉತ್ತರಿಸಬೇಕೋ ಎಂದು ಕೇಳಿದಳಂತೆ. ಫಲಿತಾಂಶ ನಿರಾಶೆ ತಂದಿತು. ಎರಡೆರಡು ಸಲ ವಿವರಿಸಿದರೂ ಮಕ್ಕಳ ಮುಖದ ಗೊಂದಲ ಹೋಗದಿದ್ದಾಗ, ನೀವು ನೀವೇ ಮಾತನಾಡಿಕೊಳ್ಳಿ ಎಂದುಬಿಟ್ಟರು. ಗದ್ದಲವೆದ್ದಿತು, ಕೆಲವೇ ನಿಮಿಷಗಳಲ್ಲಿ ಮಕ್ಕಳು ಉತ್ತರಕ್ಕೆ ತಲುಪಿದ್ದರು. ಈಚೆಗಷ್ಟೇ ಅರ್ಥ ಮಾಡಿಕೊಂಡವನಿಗೆ ಎಡವುವ ಜಾಗ ಇನ್ನೂ ನೆನಪಿರುತ್ತದೆ, ಮೇಷ್ಟರಿಗೆ ಅದು ಮರೆತು ವರ್ಷಗಳಾಗಿರುತ್ತವೆ. 1998ರಲ್ಲಿ ಅಮೆರಿಕದ ಭೌತಶಾಸ್ತ್ರಜ್ಞ ರಿಚರ್ಡ್ ಹೇಕ್ ಇಂಥದೇ ಪ್ರಶ್ನೆಗಳಲ್ಲಿ 6,000ಕ್ಕೂ ಹೆಚ್ಚು ವಿದ್ಯಾರ್ಥಿಗಳು ಪಾಠಕ್ಕೆ ಮೊದಲೂ ಆಮೇಲೂ ಪಡೆದ ಅಂಕಗಳನ್ನು ಕಲೆಹಾಕಿ ಪ್ರಕಟಿಸಿದರು. ಮಕ್ಕಳಿಗೆ ಗೊತ್ತಿಲ್ಲದೆ ಉಳಿದಿದ್ದ ಭಾಗದಲ್ಲಿ ಸಾಂಪ್ರದಾಯಿಕ ಉಪನ್ಯಾಸದ ತರಗತಿಗಳು ಕಲಿಸಿದ್ದು ಸರಾಸರಿ ಶೇ. 23ರಷ್ಟು, ಮಕ್ಕಳನ್ನು ಮಾತಿಗೆಳೆದ ತರಗತಿಗಳಲ್ಲಿ ಅದು ಶೇ. 48.

ಸರಿ, ಹಾರ್ವರ್ಡ್ ಎಲ್ಲಿ, ಫ್ಯಾನಿನ ಒಂದು ರೆಕ್ಕೆ ಬಾಗಿದ ನಮ್ಮ ಆರನೆಯ ಕೊಠಡಿ ಎಲ್ಲಿ. ಆದರೂ ಮಾಡಿ ನೋಡೋಣ ಅನ್ನಿಸಿತು.

ಮೊದಲ ಪ್ರಯತ್ನ ನೆಲಕಚ್ಚಿತು. ಮೊಬೈಲಿನಲ್ಲಿ ಮತ ಹಾಕಿಸುವ ಆ್ಯಪ್ ಒಂದನ್ನು ರಾತ್ರಿಯೆಲ್ಲ ಕೂತು ಸಿದ್ಧಪಡಿಸಿಕೊಂಡು ಹೋಗಿದ್ದೆ. ಅರ್ಧದಷ್ಟು ಮಕ್ಕಳ ಡೇಟಾ ಮುಗಿದಿತ್ತು, ಏಳೆಂಟು ಮಂದಿಯ ಬಳಿ ಫೋನೇ ಇರಲಿಲ್ಲ, ಇದ್ದವರಿಗೆ ಕಿಟಕಿಯ ಬಳಿ ಮಾತ್ರ ಸಿಗ್ನಲ್. ಇಪ್ಪತ್ತು ನಿಮಿಷ ಹಾಳಾಯಿತು. ಮರುದಿನ ಕೈ ಎತ್ತಿಸಿದೆ. ಅದು ಇನ್ನೂ ಕೆಟ್ಟದ್ದು: ತರಗತಿಯ ಬುದ್ಧಿವಂತೆಯೆಂದು ಹೆಸರಾದ ಹುಡುಗಿಯ ಕೈ ಯಾವಾಗ ಏಳುತ್ತದೆ ಎಂದು ಎಲ್ಲರೂ ಕತ್ತು ತಿರುಗಿಸಿ ಕಾಯುತ್ತಿದ್ದರು. ಅವಳು ತಪ್ಪಿದ ದಿನ ಇಡೀ ತರಗತಿ ಒಗ್ಗಟ್ಟಿನಿಂದ ತಪ್ಪಿತು.

ಕೊನೆಗೆ ಉಳಿದದ್ದು ಕಾಗದ. ಹಳೆಯ ಕ್ಯಾಲೆಂಡರಿನ ಹಾಳೆಗಳ ಹಿಂಬದಿಯನ್ನು ನಾಲ್ಕು ಭಾಗ ಮಾಡಿ ಅ, ಆ, ಇ, ಈ ಎಂದು ದಪ್ಪಗೆ ಬರೆಯಿಸಿದೆ. ಬೇಕಾದ ಅಕ್ಷರ ಹೊರಗೆ ಬರುವಂತೆ ಮಡಚಿ ಎದೆಗೆ ಒತ್ತಿ ಹಿಡಿಯಬೇಕು, ತಲೆಗಿಂತ ಮೇಲೆ ಎತ್ತಬಾರದು. ಹಾಗಾದರೆ ಹಿಂದಿನವರಿಗೆ ಕಾಣುವುದಿಲ್ಲ, ನನಗೆ ಮಾತ್ರ ಕಾಣುತ್ತದೆ. ಖರ್ಚು ಎರಡು ಮಾರ್ಕರ್ ಪೆನ್ನಿನದು.

ನಡೆಸುವ ಕ್ರಮ ಹೀಗೆ. ಹತ್ತು ಹನ್ನೆರಡು ನಿಮಿಷ ಪಾಠ. ಆಮೇಲೆ ಹಲಗೆಯ ಮೇಲೆ ಒಂದು ಪ್ರಶ್ನೆ, ನಾಲ್ಕು ಆಯ್ಕೆ. ಒಂದೂವರೆ ನಿಮಿಷ ಯಾರೂ ಮಾತನಾಡುವಂತಿಲ್ಲ, ನಾನೂ ಸೇರಿ. (ಈ ಒಂದೂವರೆ ನಿಮಿಷ ಬಾಯಿ ಮುಚ್ಚಿಕೊಂಡಿರುವುದು ನನಗೆ ಕಲಿಯಲು ಅತ್ಯಂತ ಕಷ್ಟವಾದ ಕೆಲಸ, ಸುಣ್ಣದ ಕಡ್ಡಿಯನ್ನು ಕಿಸೆಗೆ ಹಾಕಿಕೊಂಡು ಕಿಟಕಿಯಾಚೆಯ ಹೊಂಗೆ ಮರ ನೋಡುತ್ತಾ ನಿಲ್ಲುತ್ತಿದ್ದೆ.) ನಂತರ ಎಲ್ಲರೂ ಒಟ್ಟಿಗೆ ಕಾಗದ ತೋರಿಸಬೇಕು. ಸರಿಯುತ್ತರ ಹಿಡಿದವರು ಮೂರನೇ ಒಂದು ಭಾಗಕ್ಕಿಂತ ಕಡಿಮೆ ಇದ್ದರೆ ತಪ್ಪು ನನ್ನದು, ಪಾಠ ಮತ್ತೆ. ಮುಕ್ಕಾಲಿಗಿಂತ ಹೆಚ್ಚಿದ್ದರೆ ಎರಡು ಮಾತು ಹೇಳಿ ಮುಂದೆ ಹೋಗುವುದು. ನಡುವೆ ಇದ್ದರೆ ಮಾತ್ರ ಅಪ್ಪಣೆ: ನಿಮ್ಮದಲ್ಲದ ಅಕ್ಷರ ಹಿಡಿದವರನ್ನು ಹುಡುಕಿ, ಅವರನ್ನು ಒಪ್ಪಿಸಿ, ಕನ್ನಡದಲ್ಲೇ ಮಾತನಾಡಿ. ಮೂರು ನಿಮಿಷದ ಬಳಿಕ ಮತ್ತೆ ಮತ. ಸರಿಯುತ್ತರ ಯಾವುದೆಂದು ಎರಡನೆಯ ಮತದ ತನಕ ನಾನು ಹುಬ್ಬಿನಲ್ಲೂ ಸೂಚಿಸಬಾರದು.

ಕೇಳಲು ಸುಲಭ. ಎರಡು ವಾರ ಅವರು ಪಿಸುಗುಟ್ಟುವುದಕ್ಕೂ ಹಿಂಜರಿದರು. ತರಗತಿಯಲ್ಲಿ ಮಾತನಾಡಿದರೆ ಹೊರಗೆ ನಿಲ್ಲಿಸುತ್ತಾರೆ ಎಂದು ಹನ್ನೆರಡು ವರ್ಷ ಕಲಿತವರಿಗೆ ಒಂದು ದಿನ ಬೆಳಗಾಗುತ್ತಲೇ ಮಾತನಾಡಿ ಎಂದರೆ ನಂಬುವುದು ಹೇಗೆ? ನೆಲಕ್ಕೆ ಬಡಿದು ಕೂರಿಸಿದ ಬೆಂಚುಗಳು ಬೇರೆ, ಹಿಂದಕ್ಕೆ ತಿರುಗಲು ಮೈ ಮುರಿಯಬೇಕು. ಹುಡುಗರ ಸಾಲಿಗೂ ಹುಡುಗಿಯರ ಸಾಲಿಗೂ ನಡುವಿನ ಓಣಿಯನ್ನು ಮಾತು ದಾಟಲು ಒಂದು ತಿಂಗಳು ಬೇಕಾಯಿತು. ದಾಟಿದ ದಿನ ಎಷ್ಟು ಗಲಾಟೆಯಾಯಿತೆಂದರೆ ಪಕ್ಕದ ಕೊಠಡಿಯ ಸಹೋದ್ಯೋಗಿ ಜಗಳವಾಗುತ್ತಿದೆಯೆಂದು ಓಡಿ ಬಂದರು. ಲಿಫ್ಟ್ ಕೆಳಗಿಳಿಯತೊಡಗುವಾಗ ತೂಕ ಕಡಿಮೆ ತೋರಿಸುವ ಪ್ರಶ್ನೆ ಅದು. ನಮ್ಮೂರಿನಲ್ಲಿ ಲಿಫ್ಟೇ ಇಲ್ಲ. ಆದರೆ ಜಾತ್ರೆಯ ಜಯಂಟ್ ವ್ಹೀಲ್ ಇಳಿಯುವಾಗ ಹೊಟ್ಟೆಯಲ್ಲಿ ಏನಾಗುತ್ತದೆ ಎಂದು ಒಬ್ಬಳು ಇನ್ನೊಬ್ಬಳಿಗೆ ವಿವರಿಸುತ್ತಿದ್ದಳು, ನಾನು ನಿಂತು ಕೇಳಿಸಿಕೊಂಡೆ. ಮೂರು ತಿಂಗಳಲ್ಲಿ ನನ್ನೆದುರು ಒಂದು ವಾಕ್ಯವನ್ನೂ ಆಡದಿದ್ದ ಹುಡುಗಿ ಆಕೆ. ಮರುವರ್ಷದಿಂದ ಲಿಫ್ಟನ್ನು ಕೈಬಿಟ್ಟು ಜಯಂಟ್ ವ್ಹೀಲನ್ನೇ ಪ್ರಶ್ನೆಗೆ ಹಾಕಿಕೊಂಡೆ.

ಪ್ರಶ್ನೆ ಬರೆಯುವುದು ಪಾಠ ಬರೆಯುವುದಕ್ಕಿಂತ ಕಷ್ಟ. ತಪ್ಪು ಆಯ್ಕೆಗಳು ಮೂರ್ಖವಾಗಿದ್ದರೆ ಎಲ್ಲರೂ ಸರಿಯುತ್ತರ ಹಿಡಿಯುತ್ತಾರೆ, ಚರ್ಚೆಗೆ ಏನೂ ಉಳಿಯುವುದಿಲ್ಲ. ಒಳ್ಳೆಯ ತಪ್ಪುಗಳು ನನ್ನ ತಲೆಯಲ್ಲಿ ಹುಟ್ಟಲಿಲ್ಲ, ಮಕ್ಕಳ ಚೀಟಿಗಳಲ್ಲಿ ಸಿಕ್ಕವು. ಪ್ರತಿ ತರಗತಿಯ ಕೊನೆಯ ಮೂರು ನಿಮಿಷ, ಇಂದು ಮಸುಕಾಗಿ ಉಳಿದದ್ದೇನು ಎಂದು ಹೆಸರಿಲ್ಲದೆ ಬರೆದುಕೊಡಲು ಹೇಳಿದೆ. ಮೊದಮೊದಲು ಬಂದವೆಲ್ಲ ‘ಏನೂ ಇಲ್ಲ ಸರ್’. ಆಮೇಲೊಮ್ಮೆ ‘ಎಸೆದ ಕೈಯ ಬಲ ಚೆಂಡಿನೊಳಗೆ ಎಷ್ಟು ಹೊತ್ತು ಇರುತ್ತದೆ?’ ಎಂದು ಬಂತು. ಚಿನ್ನದಂಥ ಚೀಟಿ ಅದು. ಕೈ ಬಿಟ್ಟ ಮೇಲೂ ಎಸೆತದ ಬಲ ವಸ್ತುವಿನೊಳಗೆ ಉಳಿದು ಸವೆಯುತ್ತದೆ ಎಂದು ಯುರೋಪಿನ ಪಂಡಿತರೂ ನ್ಯೂಟನ್ನನಿಗೆ ಮೊದಲು ಶತಮಾನಗಳ ಕಾಲ ನಂಬಿದ್ದರು. ಇನ್ನೊಂದು ಚೀಟಿಯಲ್ಲಿ ‘ನೀವು ಬೋರ್ಡಿಗೆ ಪಾಠ ಮಾಡುತ್ತೀರಿ, ನಮಗಲ್ಲ’ ಎಂದಿತ್ತು. ಅದು ಈಗಲೂ ನನ್ನ ಮೇಜಿನ ಗಾಜಿನಡಿ ಇದೆ.

ಬೆಲೆ ತೆರಬೇಕಾಯಿತು. ನವೆಂಬರ್ ಹೊತ್ತಿಗೆ ಒಂದು ಘಟಕ ಹಿಂದೆ ಬಿದ್ದಿದ್ದೆ. ಸಿಲಬಸ್ ಮುಗಿಸುವುದೇ ಪಾಠ ಎಂಬ ವ್ಯವಸ್ಥೆಯಲ್ಲಿ ಇದು ಸಣ್ಣ ಅಪರಾಧವಲ್ಲ. ಮಕ್ಕಳೇ ಬಂದು, ಬೇರೆ ವಿಭಾಗದಲ್ಲಿ ನೋಟ್ಸ್ ಬರೆಸುತ್ತಿದ್ದಾರೆ, ನೀವು ಆಟ ಆಡಿಸುತ್ತಿದ್ದೀರಿ ಎಂದು ದೂರಿದರು. ಅವರ ಭಯ ಸುಳ್ಳಲ್ಲ; ಪರೀಕ್ಷೆಯಲ್ಲಿ ಬರುವುದು ಸೂತ್ರದ ನಿಷ್ಪತ್ತಿಯೇ (ಡೆರಿವೇಶನ್) ಹೊರತು ಜಯಂಟ್ ವ್ಹೀಲ್ ಅಲ್ಲ. ಅಂದಿನಿಂದ ಬರೆಸುವುದನ್ನು ಪೂರ್ತಿ ನಿಲ್ಲಿಸಿ, ನೋಟ್ಸನ್ನು ನಾನೇ ಬರೆದು ಗೇಟಿನೆದುರಿನ ಜೆರಾಕ್ಸ್ ಅಂಗಡಿಯಲ್ಲಿಟ್ಟೆ. ತರಗತಿಗೆ ಹದಿನೈದು ನಿಮಿಷ ಉಳಿಯಿತು. ನಿಷ್ಪತ್ತಿಗಳಿಗೆ ಬೇರೆ ಉಪಾಯ: ಒಂದೊಂದು ಸಾಲನ್ನೂ ಪಟ್ಟಿಯಾಗಿ ಕತ್ತರಿಸಿ, ಕಲಸಿ, ಮೂವರಿಗೊಂದು ಲಕೋಟೆ ಕೊಡುವುದು. ಅದರಲ್ಲಿ ಎಲ್ಲಿಗೂ ಸೇರದ ಒಂದು ಕಳ್ಳ ಸಾಲು ಇರುತ್ತದೆ. ಬಾಯಿಪಾಠದವರು ಮೊದಲು ಸೋಲುವುದು ಅಲ್ಲೇ. ಉಳಿದ ಕೊರತೆಯನ್ನು ನಾಲ್ಕು ಶನಿವಾರಗಳು ತುಂಬಿದವು, ಮನೆಯಲ್ಲಿ ಬೈಗುಳವೂ ಸಿಕ್ಕಿತು.

ಫಲ ಏನಾಯಿತು ಎಂದು ಸಹೋದ್ಯೋಗಿಗಳು ಕೇಳುತ್ತಾರೆ. ವಿಶ್ವವಿದ್ಯಾಲಯದ ಫಲಿತಾಂಶದಲ್ಲಿ ಹೇಳಿಕೊಳ್ಳುವಂಥ ಬದಲಾವಣೆ ಇಲ್ಲ; ಮೊದಲೂ ಪಾಸಾಗುತ್ತಿದ್ದರು, ಈಗಲೂ ಆಗುತ್ತಾರೆ. ಸೆಮಿಸ್ಟರಿನ ಮೊದಲ ವಾರ ಕೊಟ್ಟ ಹತ್ತು ಪ್ರಶ್ನೆಗಳನ್ನು ಕೊನೆಯ ವಾರ ಮತ್ತೆ ಕೊಟ್ಟಾಗ ತರಗತಿಯ ಸರಾಸರಿ ಮೂರೂವರೆಯಿಂದ ಆರಕ್ಕೆ ಏರಿತ್ತು. ಹಳೆಯ ಪದ್ಧತಿಯಲ್ಲಿ ಎಷ್ಟಾಗುತ್ತಿತ್ತೋ ನಾನು ಅಳೆದೇ ಇರಲಿಲ್ಲ, ಆದ್ದರಿಂದ ಇದನ್ನು ಸಂಶೋಧನೆ ಎಂದು ಮಾರಲಾರೆ. ಕೊನೆಯ ಬೆಂಚಿನ ಐದಾರು ಮಂದಿ ವರ್ಷಪೂರ್ತಿ ಪಕ್ಕದವರ ಅಕ್ಷರವನ್ನೇ ಹಿಡಿದರು, ಅವರನ್ನು ಮುಟ್ಟಲು ಈ ಕಾಗದ ಸಾಲಲಿಲ್ಲ. 2021ರಲ್ಲಿ ಹೊಸ ಶಿಕ್ಷಣ ನೀತಿ, 2024ರಲ್ಲಿ ಮತ್ತೆ ಮೂರು ವರ್ಷದ ಪದವಿ ಎಂದು ಪಠ್ಯಕ್ರಮ ಎರಡು ಸಲ ಮಗುಚಿತು. ನನ್ನ ಪ್ರಶ್ನೆಗಳ ಕಟ್ಟು ಮಾತ್ರ ಹೆಚ್ಚು ಬದಲಾಗಲಿಲ್ಲ, ಏಕೆಂದರೆ ಚೆಂಡು ಬೀಳುವ ರೀತಿ ಬದಲಾಗಿಲ್ಲ.

ಕಳೆದ ವರ್ಷ ಘರ್ಷಣೆಯ ಬಗ್ಗೆ ಒಂದು ಪ್ರಶ್ನೆ ಹಾಕಿದ್ದೆ. ಸೈಕಲ್ ಮುಂದೆ ಸಾಗುತ್ತಿದೆ. ಹಿಂದಿನ ಚಕ್ರದ ಮೇಲೆ ರಸ್ತೆಯ ಘರ್ಷಣೆ ಯಾವ ದಿಕ್ಕಿಗೆ? ಬಹುತೇಕರು ಹಿಂದಕ್ಕೆ ಎಂದರು, ಘರ್ಷಣೆ ಎಂದರೆ ತಡೆಯುವುದು ತಾನೇ. ಸಂಜೆ ಗ್ಯಾರೇಜಿನಲ್ಲಿ ದುಡಿಯುವ ಹುಡುಗನೊಬ್ಬ ಮಾತ್ರ ಮುಂದಕ್ಕೆ ಎಂಬ ಅಕ್ಷರ ಹಿಡಿದು ಸುತ್ತಲಿನವರೊಂದಿಗೆ ವಾದಕ್ಕೆ ಬಿದ್ದ. ಕೆಸರಿನಲ್ಲಿ ಸಿಕ್ಕಿಕೊಂಡ ಗಾಡಿಯ ಚಕ್ರ ಕೆಸರನ್ನು ಯಾವ ಕಡೆ ಎರಚುತ್ತದೆ? ಹಿಂದಕ್ಕೆ. ಹಾಗಾದರೆ ಕೆಸರು ಚಕ್ರವನ್ನು ಯಾವ ಕಡೆ ತಳ್ಳಬೇಕು? ಮೂರು ನಿಮಿಷದಲ್ಲಿ ನಾಲ್ಕು ಬೆಂಚುಗಳು ಅವನ ಕಡೆಗೆ ಬಂದವು. ಎರಡನೆಯ ಮತ ಎಣಿಸಿ ಅವನು ಸರಿ ಎಂದು ನಾನು ಘೋಷಿಸಿದಾಗ ಅವನೇ ಎದ್ದು ನಿಂತ. ‘ಸರ್, ಆದರೆ ಅವನು ತುಳಿಯುತ್ತಿದ್ದಾನೆಯೋ, ಇಳಿಜಾರಿನಲ್ಲಿ ಸುಮ್ಮನೆ ಬಿಟ್ಟಿದ್ದಾನೆಯೋ ನೀವು ಹೇಳಿಲ್ಲ. ಬಿಟ್ಟಿದ್ದರೆ ಉತ್ತರ ತಿರುಗುತ್ತದಲ್ಲ?’

ತಿರುಗುತ್ತದೆ. ಆರು ವರ್ಷದಿಂದ ಅದೇ ಪ್ರಶ್ನೆಯನ್ನು ಬರೆಯುತ್ತಿದ್ದೆ, ನನಗೆ ಹೊಳೆದಿರಲಿಲ್ಲ. ಹಲಗೆಯ ಮೇಲಿನ ‘ಸಾಗುತ್ತಿದೆ’ಯನ್ನು ಒರೆಸಿ, ಸುಣ್ಣದ ಕಡ್ಡಿಯನ್ನು ಅವನ ಕೈಗೆ ಕೊಟ್ಟೆ. ಅವನು ಸ್ವಲ್ಪ ಹೊತ್ತು ಯೋಚಿಸಿ, ಓರೆ ಅಕ್ಷರಗಳಲ್ಲಿ ‘ಸಮತಟ್ಟಾದ ರಸ್ತೆಯಲ್ಲಿ ತುಳಿಯುತ್ತಿದ್ದಾನೆ, ಬ್ರೇಕ್ ಹಿಡಿದಿಲ್ಲ’ ಎಂದು ಬರೆದ.