ಮೋರಿ ಗುಳುಗುಳು ಎನ್ನುತ್ತಿದೆಯೇ? ಆ್ಯಸಿಡ್ ಸುರಿಯುವ ಮುಂಚೆ ಸ್ವಲ್ಪ ಕಿವಿಗೊಡಿ

ಅಡುಗೆಮನೆಯ ಸಿಂಕಿನ ನೀರು ಇಳಿಯುವಾಗ ಬಚ್ಚಲಿನ ಜಾಲಿಯಿಂದ ಗುಳುಗುಳು ಸದ್ದು ಬಂದರೆ, ಡೊಂಬಿವಲಿಯಾಗಲಿ ಚೆಂಬೂರಾಗಲಿ, ನಮ್ಮಲ್ಲಿ ಹೆಚ್ಚಿನವರು ಮಾಡುವುದು ಒಂದೇ ಕೆಲಸ: ಕೆಳಗಿನ ಅಂಗಡಿಯಿಂದ ಆ್ಯಸಿಡ್ ಬಾಟಲಿ ತರಿಸುವುದು. ತರಿಸಬೇಡಿ. ಸದ್ದು ಮಾಡುತ್ತಿರುವುದು ಗಾಳಿ, ಅದು ಎಲ್ಲಿಂದ ನುಗ್ಗುತ್ತಿದೆ ಎಂದು ಮೊದಲು ಪತ್ತೆಯಾಗಬೇಕು.

ಜಾಲಿ ಎತ್ತಿ ಟಾರ್ಚ್ ಬಿಡಿ. ಜಾಲಿಯ ಕೆಳಗಿನ ಬಟ್ಟಲು, ಅಂದರೆ ನಹಾನಿ ಟ್ರ್ಯಾಪಿನ ತಳದಲ್ಲಿ ನೀರು ನಿಂತಿರುತ್ತದೆ. ಸಾಮಾನ್ಯವಾಗಿ 50 ಮಿಲಿಮೀಟರ್ ಆಳದ ಆ ನೀರೇ ಗಟಾರದ ವಾಸನೆಯನ್ನು ಮನೆಯೊಳಗೆ ಬಿಡದೆ ತಡೆಯುವುದು. ಕೊಳವೆಯಲ್ಲಿ ನೀರು ರಭಸದಿಂದ ಇಳಿದಾಗ ಅದರ ಬೆನ್ನಿಗೆ ಗಾಳಿಯೂ ಬೇಕು. ಟೆರೇಸಿನವರೆಗೆ ಹೋಗಿರುವ ವೆಂಟ್ ಪೈಪು ಇರುವುದು ಅದಕ್ಕೇ. ಅಲ್ಲಿಂದ ಸಾಲದಾದರೆ ಗಾಳಿ ನಿಮ್ಮ ಟ್ರ್ಯಾಪಿನ ನೀರನ್ನೇ ಸೀಳಿಕೊಂಡು ಹೋಗುತ್ತದೆ.

ಈಗ ಪರೀಕ್ಷೆ. ಸಿಂಕಿಗೆ ಬಿರಡೆ ಹಾಕಿ ತುಂಬಿಸಿ, ಒಮ್ಮೆಲೇ ಬಿಡಿ. ಇನ್ನೊಬ್ಬರು ಬಚ್ಚಲಲ್ಲಿ ಟಾರ್ಚ್ ಹಿಡಿದು ಟ್ರ್ಯಾಪ್ ನೋಡುತ್ತಿರಲಿ. ಸಿಂಕು ಮಾತ್ರ ಗೊರಗೊರ ಎಂದರೆ ತೊಂದರೆ ಅದರ ಕೆಳಗೇ ಇದೆ. ಬಚ್ಚಲಿನ ನೀರು ಕುಣಿದರೆ ಎರಡೂ ಕೂಡುವ ಕೊಳವೆಯಲ್ಲಿ ಕಟ್ಟಿದೆ. ನಿಮ್ಮ ಮನೆಯ ನಲ್ಲಿಗಳೆಲ್ಲ ಬಂದ್ ಇದ್ದು, ಮೇಲಿನವರು ನೀರು ಬಿಟ್ಟಾಗ ಸದ್ದಾದರೆ? ಅದು ಇಡೀ ಬಿಲ್ಡಿಂಗಿನ ಪೈಪಿನ ಮಾತು, ನಿಮ್ಮ ಪ್ಲಂಬರಿಗೆ ದುಡ್ಡು ಕೊಟ್ಟು ಪ್ರಯೋಜನವಿಲ್ಲ.

ಸಿಂಕಿನ ಕೆಳಗಿನ ತೊಂದರೆಗೆ ನಮ್ಮ ಅಡುಗೆಯೇ ಅರ್ಧ ಕಾರಣ. ಗಂಜಿ ತಿಳಿ, ಇಡ್ಲಿ ಹಿಟ್ಟು ತೊಳೆದ ನೀರು, ತೆಂಗಿನ ತುರಿಯ ನಾರು ಎಲ್ಲವೂ ಅಲ್ಲೇ ಹೋಗುತ್ತವೆ. ತೆಂಗಿನೆಣ್ಣೆ ಸುಮಾರು 24 ಡಿಗ್ರಿಗಿಂತ ಕೆಳಗೆ ಗಟ್ಟಿಯಾಗುತ್ತದೆ. ಮುಂಬಯಿಯಲ್ಲಿ ಜನವರಿಯ ರಾತ್ರಿ ಅಷ್ಟು ತಣ್ಣಗಾಗುವುದು ಮಾಮೂಲು. ಸಿಂಕಿನಡಿಯ ಸುಕ್ಕುಸುಕ್ಕಾದ ಪ್ಲಾಸ್ಟಿಕ್ ಪೈಪನ್ನು ಬಿಚ್ಚಿ ನೋಡಿ, ಒಂದೊಂದು ಸುಕ್ಕಿನಲ್ಲೂ ಬೂದುಬಣ್ಣದ ಜಿಡ್ಡು ಕೂತಿರುತ್ತದೆ. ಬಕೆಟ್ ಇಟ್ಟು, ಸಿಂಕಿನಡಿ ಬಾಟಲಿಯಂತೆ ಕಾಣುವ ಬಾಟಲ್ ಟ್ರ್ಯಾಪಿನ ತಳವನ್ನು ಕೈಯಲ್ಲೇ ತಿರುಗಿಸಿ ಬಿಚ್ಚಿ, ಹಳೆಯ ಬ್ರಶ್ಶಿನಿಂದ ಉಜ್ಜಿ, ವಾಶರ್ ಸರಿಯಾಗಿ ಕೂರಿಸಿ ಮತ್ತೆ ಹಾಕಿ. ಸುಕ್ಕಿನ ಪೈಪು ಹಳತಾಗಿದ್ದರೆ ತೆಗೆದು ನುಣುಪಾದ ಪೈಪು ಹಾಕಿಸುವುದೇ ಮೇಲು. ಆಮೇಲೆ ಪಾತ್ರೆ ಸೋಪು ಬೆರೆಸಿದ ಬಿಸಿನೀರು ಬಿಡಿ. ಕುದಿಯುವ ನೀರು ಬೇಡ, ಪಿವಿಸಿ ಮೆತ್ತಗಾಗಿ ಜೋತುಬೀಳುತ್ತದೆ.

ಕೂಡುಕೊಳವೆ ಕಟ್ಟಿದ್ದರೆ ರಬ್ಬರ್ ಪಂಪು ಸಾಕಾಗಬಹುದು. ಆದರೆ ಪಂಪು ಒತ್ತುವಾಗ ಉಳಿದ ಜಾಲಿಗಳಿಗೆ ಒದ್ದೆಬಟ್ಟೆ ತುರುಕಿ, ಇಲ್ಲದಿದ್ದರೆ ಒತ್ತಡವೆಲ್ಲ ಅಲ್ಲಿಂದ ಹೊರಗೆ ಚಿಮ್ಮುತ್ತದೆ. ಅದಕ್ಕೂ ಬಗ್ಗದಿದ್ದರೆ ಪೈಪಿನೊಳಗೆ ತೂರಿಸುವ ಪ್ಲಂಬರಿನ ಉದ್ದನೆಯ ಸ್ಪ್ರಿಂಗ್ ಬೇಕು. ಆ್ಯಸಿಡ್ ಜಿಡ್ಡನ್ನು ಕರಗಿಸುವುದಿಲ್ಲ, ಹಳೆಯ ಕಬ್ಬಿಣದ ಪೈಪನ್ನೂ ಸಿಮೆಂಟನ್ನೂ ತಿನ್ನುತ್ತದೆ. ಬ್ಲೀಚಿಂಗ್ ಪೌಡರ್ ಹಾಕಿದಲ್ಲಿ ಆ್ಯಸಿಡ್ ಬಿದ್ದರಂತೂ ಕ್ಲೋರಿನ್ ಅನಿಲ ಏಳುತ್ತದೆ. ಕಿರಿದಾದ ಬಚ್ಚಲಲ್ಲಿ ಅದು ಪ್ರಾಣಕ್ಕೇ ಅಪಾಯ.

ವಾಶಿಂಗ್ ಮಶೀನಿನ ಪೈಪನ್ನು ಟ್ರ್ಯಾಪಿನ ಬಾಯಿಗೆ ಬಿಗಿಯಾಗಿ ತುರುಕಿದ್ದರೂ ಇದೇ ಸದ್ದು. ಸುತ್ತ ಗಾಳಿಗೆ ಜಾಗ ಬಿಡಿ, ಮುಗಿಯಿತು.

ಬಿಲ್ಡಿಂಗಿನ ಪೈಪಿನದೇ ತೊಂದರೆ ಎಂದಾದರೆ ಸೆಕ್ರೆಟರಿಯವರನ್ನು ಕರೆದುಕೊಂಡು ಟೆರೇಸಿಗೆ ಹೋಗಿ. ಸಾಮಾನ್ಯ ಡ್ರೈನೇಜ್ ಲೈನಿನ ರಿಪೇರಿ ಸೊಸೈಟಿಯದೇ ಹೊಣೆ. ವೆಂಟ್ ಪೈಪಿನ ಬಾಯಲ್ಲಿ ಪಾರಿವಾಳದ ಗೂಡೋ ಕಾಗೆ ತಂದ ಕಡ್ಡಿತಂತಿಯೋ ಸಿಗಬಹುದು. ವಾಟರ್‌ಪ್ರೂಫಿಂಗ್ ಮಾಡಿದವರು ಪೈಪನ್ನೇ ಮುಚ್ಚಿ ಹೋಗಿರುವುದೂ ಉಂಟು. ಬಾಯಿಗೆ ಜಾಲರಿಯ ಟೋಪಿ ಹಾಕಿಸಿ. ಮೇಲಿನ ಮಹಡಿಗಳಲ್ಲಿ ಟ್ರ್ಯಾಪಿನ ನೀರು ಒಳಕ್ಕೆ ಎಳೆದುಕೊಳ್ಳುವುದು ಹೆಚ್ಚು, ಕೆಳಗಿನ ಮನೆಗಳಲ್ಲಿ ಗುಳ್ಳೆ ಹೊರಕ್ಕೆ ಉಕ್ಕುವುದು ಹೆಚ್ಚು. ಹಾಗಾಗಿ ನೆಲಮಹಡಿಯವರ ದೂರನ್ನು ಮೊದಲು ಕೇಳಿ. ಮಳೆಗಾಲದಲ್ಲಿ ಮಾತ್ರ ಈ ಸದ್ದು ಬಂದರೆ ಅಂಗಳದ ಡ್ರೈನೇಜ್ ಚೇಂಬರ್ ಮುಚ್ಚಳ ತೆಗೆಸಿ: ಅಲ್ಲಿ ನೀರು ತುಂಬಿ ನಿಂತಿದ್ದರೆ ಗಾಳಿಗೆ ಹೋಗಲು ದಾರಿಯಿಲ್ಲ. ರಸ್ತೆಯ ಲೈನೇ ಕಟ್ಟಿದ್ದರೆ ನಿಮ್ಮ ಪಾಲಿಕೆಗೆ ಫೋನ್ ಮಾಡಿ; ಮುಂಬಯಿ ಪಾಲಿಕೆಯದು 1916. ಯಾರನ್ನೂ ಚೇಂಬರಿನೊಳಗೆ ಇಳಿಸಬೇಡಿ. ಸುರಕ್ಷತಾ ಸಾಧನವಿಲ್ಲದೆ ಒಳಚರಂಡಿಗೆ ಇಳಿಸುವುದು ಮಲ ಹೊರುವ ಪದ್ಧತಿ ನಿಷೇಧಿಸುವ 2013ರ ಕಾಯ್ದೆಯ ಪ್ರಕಾರ ಅಪರಾಧ.

ಗಂಜಿ ಬಸಿದ ಮೇಲೆ ಪೈಪಿನಿಂದ ಬರುವ ಟಕ್ ಟಕ್ ಬೇರೆಯದೇ ಸದ್ದು. ಬಿಸಿಗೆ ಪಿವಿಸಿ ಹಿಗ್ಗಿ ಕ್ಲ್ಯಾಂಪಿಗೆ ಉಜ್ಜುತ್ತದೆ, ಅಷ್ಟೇ. ನಡುವೆ ರಬ್ಬರ್ ತುಂಡು ಸೇರಿಸಿದರೆ ನಿಲ್ಲುತ್ತದೆ.

ಮೇ ರಜೆಯಲ್ಲಿ ಊರಿಗೆ ಹೋಗಿ ಬರುವಷ್ಟರಲ್ಲಿ ಟ್ರ್ಯಾಪ್ ಒಣಗಿ ಮನೆಯೆಲ್ಲ ನಾರುವುದು ಬಹಳ ಮನೆಗಳಲ್ಲಿ ಆಗುತ್ತದೆ. ಹೊರಡುವ ಮುಂಚೆ ಪ್ರತಿ ಜಾಲಿಗೂ ಒಂದು ಚೊಂಬು ನೀರು ಸುರಿದು, ಮೇಲೆ ಒಂದು ಚಮಚ ಅಡುಗೆ ಎಣ್ಣೆ ಬಿಡಿ. ನೀರು ಬೇಗ ಆರುವುದಿಲ್ಲ. ಬೀಗದ ಕೈ ಪಕ್ಕದ ಮನೆಯವರ ಹತ್ತಿರ ಇದ್ದರೆ, ನಡುವೆ ಒಮ್ಮೆ ನೀರು ಹಾಕಲು ಅವರಿಗೆ ಹೇಳಿ ಹೋಗಿ.